ಫ್ಯೂಸು ಹೋಯಿತೆಂದು ತಂತಿ ಸುತ್ತಬೇಡಿ

ಕಳೆದ ತಿಂಗಳು ಹಳೆಯ ಶಿಷ್ಯನೊಬ್ಬ ಕಡಬದಿಂದ ಫೋನ್ ಮಾಡಿದ್ದನು. ಮನೆಯಲ್ಲಿ ಏಳು ಮಂದಿ ಇದ್ದಾರೆಂದೂ ಎಲ್ಲರೂ ಒಟ್ಟಿಗೆ ಹೋಗಿ ಬರಲು ಅನುಕೂಲವಾಗಲೆಂದು ಯಾರೋ ಉಪಯೋಗಿಸಿದ ವ್ಯಾನೊಂದನ್ನು ಕೊಂಡೆನೆಂದೂ ಸಂತೋಷದಿಂದ ತಿಳಿಸಿದನು. ಮಾತಿನ ಕೊನೆಗೆ, “ಒಂದು ಫ್ಯೂಸು ಮಾತ್ರ ಆಗಾಗ ಹೋಗ್ತಾ ಇತ್ತು ಮಾಷ್ಟ್ರೇ. ಈಗ ದೊಡ್ಡದು ಹಾಕಿಸಿದ್ದೇನೆ, ಇನ್ನು ತೊಂದರೆ ಇಲ್ಲ” ಎಂದನು. ಆ ದೊಡ್ಡದನ್ನು ಇವತ್ತೇ ತೆಗೆಸು ಎಂದು ನಾನು ಹೇಳಿದಾಗ ಅವನು ನಕ್ಕುಬಿಟ್ಟನು. ಮುದುಕರ ಅಂಜಿಕೆ ಎಂದುಕೊಂಡಿರಬೇಕು. ಅವನಿಗೆ ಫೋನಿನಲ್ಲಿ ಹೇಳಲಾಗದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ಇದರಲ್ಲಿ ನನ್ನದೇ ಒಂದು ತಪ್ಪಿನ ಒಪ್ಪಿಗೆಯೂ ಇದೆ.

ನಮ್ಮ ಪುತ್ತೂರು, ಸುಳ್ಯ, ಕಡಬದ ಕಡೆಯ ಬದುಕಿಗೂ ವ್ಯಾನಿಗೂ ಇರುವ ನಂಟನ್ನು ನಿಮಗೆ ವಿವರಿಸಬೇಕಾಗಿಲ್ಲ. 1984ರಲ್ಲಿ ಮಾರುತಿ ವ್ಯಾನ್ ಎಂಬ ಹೆಸರಿನಿಂದ ಬಂದು, 1988ರಲ್ಲಿ ಓಮ್ನಿ ಎಂದು ಹೆಸರು ಬದಲಿಸಿಕೊಂಡ ಆ 796 ಸಿ.ಸಿ. ಎಂಜಿನ್ನಿನ ಪುಟ್ಟ ವಾಹನ 2019ರಲ್ಲಿ ತಯಾರಿಕೆ ನಿಲ್ಲುವವರೆಗೂ ಮಲೆಯ ಮನೆಮನೆಯ ಅಂಗಳಕ್ಕೆ ಬಂದಿತು. ಬೆಳಗ್ಗೆ ಶಾಲೆಯ ಮಕ್ಕಳು, ಮಧ್ಯಾಹ್ನ ಅಡಿಕೆಯ ಗೋಣಿ, ರಾತ್ರಿ ಯಕ್ಷಗಾನಕ್ಕೆ ಹೊರಟ ನೆರೆಕರೆಯವರು, ನಡುವೆ ಬಾಣಂತಿಯೋ ರೋಗಿಯೋ ಇದ್ದರೆ ಅವರೂ ಅದರಲ್ಲೇ. ಇಂದಿಗೂ ಅಂಥ ಎಷ್ಟೋ ವ್ಯಾನುಗಳು ನಮ್ಮ ದಾರಿಗಳಲ್ಲಿ ಓಡುತ್ತಿವೆ. ಇಷ್ಟು ಜೀವಗಳನ್ನು ಹೊರುವ ವಾಹನದಲ್ಲಿ ಫ್ಯೂಸಿನ ಪೆಟ್ಟಿಗೆ ಎಲ್ಲಿದೆಯೆಂದು ಕೇಳಿದರೆ, ಹತ್ತು ಮನೆಗಳಲ್ಲಿ ಒಂದು ಮನೆಯವರಾದರೂ ಕೈ ತೋರಿಸಿ ಹೇಳಬಲ್ಲರೇ ಎಂಬುದು ನನ್ನ ಸಂಶಯ. ಒಂದು ಕಾಲದಲ್ಲಿ ನಾನೂ ಹೇಳಬಲ್ಲವನಾಗಿರಲಿಲ್ಲ. ಎಂಟನೆಯ, ಹತ್ತನೆಯ ತರಗತಿಗಳಿಗೆ ವಿದ್ಯುತ್ ಮಂಡಲದ ಪಾಠ ಮಾಡುತ್ತಲೇ ತಲೆ ನರೆಸಿಕೊಂಡವನು ನಾನು!

2012ರ ಆಟಿ ತಿಂಗಳು. ಸುಬ್ರಹ್ಮಣ್ಯದ ಕಡೆಯ ಬಂಧುಗಳ ಮನೆಯಿಂದ ಪುತ್ತೂರಿಗೆ ರಾತ್ರಿ ಮರಳುತ್ತಿದ್ದೆವು. ಮಗ ವ್ಯಾನು ಓಡಿಸುತ್ತಿದ್ದನು. ಹಿಂದೆ ನನ್ನ ಹೆಂಡತಿ, ಅಕ್ಕ, ಸೊಸೆ, ಇಬ್ಬರು ಮೊಮ್ಮಕ್ಕಳು. ಕಾಣಿಯೂರು ತಲುಪುವ ಮೊದಲೇ ಮಳೆ ಧಾರಾಕಾರವಾಗಿ ಹಿಡಿದು, ಗಾಜು ಒರೆಸುವ ವೈಪರು ಒಮ್ಮೆಲೇ ನಿಂತಿತು. ಆ ಮಳೆಗಾಲಕ್ಕೆಂದು ಮಗ ಹೊಸದಾಗಿ ಹಾಕಿಸಿದ್ದ ಮಂಜಿನ ದೀಪಗಳೂ ಅದರ ಜೊತೆಗೇ ಆರಿದವು. ದಾರಿಯ ಬದಿಯಲ್ಲಿ ನಿಲ್ಲಿಸಿದೆವು. ಬೈಕಿನಲ್ಲಿ ಬಂದ ಪುಣ್ಯಾತ್ಮನೊಬ್ಬ ಇಳಿದು, ಡ್ಯಾಶ್‌ಬೋರ್ಡಿನ ಕೆಳಗೆ ಕೈ ಹಾಕಿ, ಸುಟ್ಟ ಫ್ಯೂಸನ್ನು ಕಿತ್ತನು. ಬೇರೆ ಫ್ಯೂಸು ನಮ್ಮಲ್ಲಿರಲಿಲ್ಲ. ಅವನು ಒಂದು ತುಂಡು ವೈರಿನ ತಾಮ್ರದ ಎಳೆಗಳನ್ನು ಹೊಸೆದು ಆ ಫ್ಯೂಸಿನ ಎರಡು ಕಾಲುಗಳಿಗೆ ಸುತ್ತಿ, ಮತ್ತೆ ಒಳಗೆ ಸಿಕ್ಕಿಸಿದನು. “ಊರು ಮುಟ್ಟಿದರೆ ಸಾಕಲ್ಲ” ಎಂದನು. ವೈಪರು ತಿರುಗಿತು, ದೀಪ ಹೊತ್ತಿತು. ಅವನು ತಂತಿ ಸುತ್ತುವಾಗ ಟಾರ್ಚು ಹಿಡಿದು ನಿಂತವನು, ಧನ್ಯವಾದ ಹೇಳಿದವನು ಈ ವಿಜ್ಞಾನದ ಮಾಷ್ಟ್ರೇ.

ಊರು ಮುಟ್ಟಿದೆವು. ಮುಟ್ಟಿದ ಮೇಲೆ ಆ ತಂತಿಯ ನೆನಪು ಯಾರಿಗೂ ಬರಲಿಲ್ಲ. ತಾತ್ಕಾಲಿಕವೆಂದು ಮಾಡಿದ ಕೆಲಸಗಳ ಹಣೆಬರಹವೇ ಇಷ್ಟು. ಕೆಟ್ಟು ನಿಂತರೆ ಸರಿಮಾಡಿಸುತ್ತೇವೆ, ನಡೆಯುತ್ತಿದ್ದರೆ ಮರೆಯುತ್ತೇವೆ.

ನಾಲ್ಕು ತಿಂಗಳ ಬಳಿಕ, ಸುಳ್ಯದಿಂದ ಹಿಂತಿರುಗುತ್ತ ಜಾಲ್ಸೂರು ದಾಟುವಾಗ ಸಂಜೆಯ ಗುಡುಗು ಮಳೆ ಬಂತು. ಮಗ ವೈಪರು ಹಾಕಿ, ಮಂಜಿನ ದೀಪವನ್ನೂ ಹಾಕಿದನು. ಸ್ವಲ್ಪ ಹೊತ್ತಿನಲ್ಲಿ ಪ್ಲಾಸ್ಟಿಕ್ ಕರಗಿದ ವಾಸನೆ ಬಂತು. ಹಿಂದೆಯೇ ಡ್ಯಾಶ್‌ಬೋರ್ಡಿನ ಅಡಿಯಿಂದ ಹೊಗೆ. ಕೀಲಿ ತಿರುಗಿಸಿ ನಿಲ್ಲಿಸಿ, ಬಾಗಿಲು ಸರಿಸಿ, ಮಕ್ಕಳನ್ನು ಎತ್ತಿಕೊಂಡು ಮಳೆಯಲ್ಲೇ ಹೊರಗೆ ಬಂದೆವು. ಕಿರಿಯ ಮೊಮ್ಮಗಳಿಗೆ ಆಗ ಮೂರು ವರ್ಷ. ಅವಳು ನಿದ್ದೆಯಲ್ಲಿದ್ದಳು. ಎದುರಿನಿಂದ ಬಂದ ಜೀಪಿನ ಚಾಲಕ ಹಾರಿ ಇಳಿದು, ಬ್ಯಾಟರಿಯ ಋಣ ತುದಿಯ ಕ್ಲಾಂಪನ್ನು ಬಿಚ್ಚಿ ತೆಗೆದನು. ಬೆಂಕಿ ಹೊತ್ತಿಕೊಳ್ಳಲಿಲ್ಲ. ಅವನು ಮುಖ ಎತ್ತಿದಾಗ ಗುರುತು ಸಿಕ್ಕಿತು. ನನ್ನ ತರಗತಿಯ ಹಿಂದಿನ ಬೆಂಚಿನ ಹುಡುಗ, ವಿಜ್ಞಾನದಲ್ಲಿ ಎರಡು ಸಲ ನಪಾಸಾದವನು. ಫ್ಯೂಸಿನ ಪೆಟ್ಟಿಗೆಯಿಂದ ಆ ತಾಮ್ರದ ಸುರುಳಿಯನ್ನು ತೆಗೆದು ನನ್ನ ಅಂಗೈಯಲ್ಲಿಟ್ಟು, “ಎಂತ ಮಾಷ್ಟ್ರೇ, ಇದು ನೀವು ನೋಡಿಲ್ವಾ?” ಎಂದು ಕೇಳಿದನು. ನೋಡಿದ್ದೆ, ಟಾರ್ಚು ಹಿಡಿದು ನೋಡಿದ್ದೆ ಎಂದು ಹೇಳಲು ನನಗೆ ಬಾಯಿ ಬರಲಿಲ್ಲ.

ಆದದ್ದೇನೆಂದು ಮರುದಿನ ತಿಳಿಯಿತು. ವ್ಯಾನಿನಲ್ಲಿ ದೋಷವಿರಲಿಲ್ಲ. ಮಂಜಿನ ದೀಪ ಹಾಕಿದವರು ಅದಕ್ಕೆ ಬೇರೆ ತಂತಿ ಎಳೆಯುವ ಬದಲು ವೈಪರಿನ ತಂತಿಗೇ ಜೋಡಿಸಿದ್ದರು. ಲೆಕ್ಕ ಮಾಡಿ ನೋಡಿ. 55 ವಾಟಿನ ಎರಡು ದೀಪಗಳೆಂದರೆ 110 ವಾಟು; 12 ವೋಲ್ಟಿನಿಂದ ಭಾಗಿಸಿದರೆ 9 ಆಂಪಿಯರಿಗೂ ಹೆಚ್ಚು. ಅದರ ಮೇಲೆ ನೀರನ್ನು ತಳ್ಳುವ ವೈಪರಿನ ಮೋಟರು. 15 ಆಂಪಿಯರಿನ ಫ್ಯೂಸು ಕಾಣಿಯೂರಿನ ಮಳೆಯಲ್ಲಿ ಕರಗಿದ್ದು ಅದು ಕೆಟ್ಟದ್ದರಿಂದಲ್ಲ, ತನ್ನ ಕೆಲಸವನ್ನು ಸರಿಯಾಗಿ ಮಾಡಿದ್ದರಿಂದ. “ಈ ತಂತಿಗೆ ಇಷ್ಟು ಭಾರ ತಡೆಯದು” ಎಂದು ಅದು ತನ್ನನ್ನೇ ಸುಟ್ಟುಕೊಂಡು ಹೇಳಿತು. ನಾವು ಅದರ ಬಾಯಿಗೆ ತಾಮ್ರ ತುರುಕಿದೆವು. ನಾಲ್ಕು ತಿಂಗಳು ಬಿಸಿಯಾಗಿ ಬಿಸಿಯಾಗಿ ತಂತಿಯ ಹೊದಿಕೆ ಮೆತ್ತಗಾಗಿ, ಕೊನೆಗೆ ಒಳಗಿನ ತಾಮ್ರ ವ್ಯಾನಿನ ಲೋಹಕ್ಕೆ ತಗಲಿತು. ಅದೇ ಹ್ರಸ್ವ ಮಂಡಲ. ಸರಿಯಾದ ಫ್ಯೂಸು ಇದ್ದಿದ್ದರೆ ಕಣ್ಣು ಮಿಟುಕಿಸುವುದರೊಳಗೆ ಕರಗಿ ಪ್ರವಾಹವನ್ನು ಕಡಿಯುತ್ತಿತ್ತು. ನಮ್ಮ ತಾಮ್ರದ ಸುರುಳಿ ಕರಗಲಿಲ್ಲ. ಅದರ ಬದಲು ತಂತಿ ಬೆಂದಿತು.

ದೊಡ್ಡ ಫ್ಯೂಸು ಹಾಕಿಸಿದ ಶಿಷ್ಯನು ಇಲ್ಲಿ ಒಂದು ಕ್ಷಣ ನಿಲ್ಲಬೇಕು. 1841ರಲ್ಲಿ ಜೂಲ್ ತಿಳಿಸಿದ ನಿಯಮವನ್ನು ಕರಿಹಲಗೆಯ ಮೇಲೆ ನಾನೇ ಬರೆದುಕೊಟ್ಟಿದ್ದೇನೆ: ತಂತಿಯಲ್ಲಿ ಹುಟ್ಟುವ ಶಾಖವು ಪ್ರವಾಹದ ವರ್ಗಕ್ಕೆ ಅನುಪಾತದಲ್ಲಿರುತ್ತದೆ. 15ರ ಜಾಗದಲ್ಲಿ 30ರ ಫ್ಯೂಸು ಹಾಕಿದರೆ ಇಮ್ಮಡಿ ಪ್ರವಾಹಕ್ಕೆ ಅನುಮತಿ ಕೊಟ್ಟಂತೆ; ಶಾಖ ಮಾತ್ರ ನಾಲ್ಮಡಿ. ಫ್ಯೂಸು ದೊಡ್ಡದಾಯಿತು, ತಂತಿ ದೊಡ್ಡದಾಗಲಿಲ್ಲ. ಹಾಗಾಗಿ ದೊಡ್ಡ ಫ್ಯೂಸಿಗೂ ನನ್ನ ತಾಮ್ರದ ಸುರುಳಿಗೂ ಜಾತಿಯಲ್ಲಿ ಭೇದವಿಲ್ಲ.

ಇನ್ನು ಆ ಜೀಪಿನ ಶಿಷ್ಯ ನನಗೆ ಹೇಳಿಕೊಟ್ಟ ಪಾಠವನ್ನು ನಿಮಗೂ ಒಪ್ಪಿಸುತ್ತೇನೆ. ಬಹಳಷ್ಟು ವಾಹನಗಳಲ್ಲಿ ಫ್ಯೂಸಿನ ಒಂದು ಪೆಟ್ಟಿಗೆ ಡ್ಯಾಶ್‌ಬೋರ್ಡಿನ ಕೆಳಗೆ ಚಾಲಕನ ಕಡೆಗೂ, ಮುಖ್ಯ ಫ್ಯೂಸುಗಳಿರುವ ಇನ್ನೊಂದು ಬ್ಯಾಟರಿಯ ಆಸುಪಾಸಿನಲ್ಲೂ ಇರುತ್ತವೆ. ನಿಮ್ಮದರಲ್ಲಿ ಎಲ್ಲಿದೆಯೆಂಬುದನ್ನು ವಾಹನದೊಂದಿಗೆ ಕೊಟ್ಟ ಪುಸ್ತಕದಲ್ಲಿ ನೋಡಿ, ಹಗಲು ಹೊತ್ತಿನಲ್ಲಿ, ಅಂಗಳದಲ್ಲಿ ನಿಲ್ಲಿಸಿಕೊಂಡು ಕಂಡುಹಿಡಿಯಿರಿ. ಮುಚ್ಚಳದ ಮೇಲೆ ಯಾವ ಫ್ಯೂಸು ಯಾವುದಕ್ಕೆಂಬ ನಕ್ಷೆ ಸಾಮಾನ್ಯವಾಗಿ ಇರುತ್ತದೆ. ಮೊದಲು ಕೀಲಿ ತೆಗೆಯಬೇಕು. ಪೆಟ್ಟಿಗೆಯಲ್ಲಿ ಪ್ಲಾಸ್ಟಿಕ್ಕಿನ ಪುಟ್ಟ ಚಿಮಟವಿದ್ದರೆ ಅದರಿಂದಲೇ ಫ್ಯೂಸನ್ನು ನೇರವಾಗಿ ಮೇಲಕ್ಕೆ ಎಳೆಯಬೇಕು, ಸ್ಕ್ರೂಡ್ರೈವರಿನಿಂದ ಮೀಟಬಾರದು. ಬೆಳಕಿಗೆ ಹಿಡಿದರೆ ಎರಡು ಕಾಲುಗಳ ನಡುವಿನ ಬಾಗಿದ ಲೋಹದ ಪಟ್ಟಿ ಕಾಣುತ್ತದೆ. ಅದು ತುಂಡಾಗಿದ್ದರೆ ಫ್ಯೂಸು ಹೋಗಿದೆ ಎಂದರ್ಥ.

ಕೆಲವೊಮ್ಮೆ ಬಿರುಕು ಕಣ್ಣಿಗೆ ಕಾಣದು. ಆಗ 12 ವೋಲ್ಟಿನ ಸಣ್ಣ ಬಲ್ಬಿಗೆ ಎರಡು ವೈರು ಕಟ್ಟಿ, ಒಂದನ್ನು ವಾಹನದ ಬಣ್ಣವಿಲ್ಲದ ಲೋಹಕ್ಕೆ ತಗಲಿಸಿ, ಕೀಲಿ ತಿರುಗಿಸಿಟ್ಟು, ಇನ್ನೊಂದನ್ನು ಫ್ಯೂಸಿನ ತಲೆಯ ಮೇಲೆ ಕಾಣುವ ಎರಡು ಲೋಹದ ಚುಕ್ಕಿಗಳಿಗೆ ಒಂದಾದ ಮೇಲೊಂದು ಮುಟ್ಟಿಸಬೇಕು. ಎರಡರಲ್ಲೂ ಬಲ್ಬು ಉರಿದರೆ ಫ್ಯೂಸು ಸರಿ. ಒಂದರಲ್ಲಿ ಮಾತ್ರ ಉರಿದರೆ ಹೋಗಿದೆ. ಮನೆಯ ಸ್ವಿಚ್ಚುಗಳಿಗೆ ಬಳಸುವ ನಿಯಾನ್ ಟೆಸ್ಟರು ಇದಕ್ಕೆ ಆಗದು. 12 ವೋಲ್ಟಿಗೆ ಅದು ಬೆಳಗುವುದೇ ಇಲ್ಲ.

ಬದಲಿಸುವುದು ಇನ್ನೂ ಸುಲಭ. 1976ರಲ್ಲಿ ಅಮೆರಿಕದಲ್ಲಿ ಬಂದ ಈ ಚಪ್ಪಟೆ ಫ್ಯೂಸುಗಳಿಗೆ ಬಣ್ಣದ ಭಾಷೆಯೊಂದಿದೆ. 7.5 ಆಂಪಿಯರಿಗೆ ಕಂದು, 10ಕ್ಕೆ ಕೆಂಪು, 15ಕ್ಕೆ ನೀಲಿ, 20ಕ್ಕೆ ಹಳದಿ, 25ಕ್ಕೆ ಬಣ್ಣವಿಲ್ಲದ ಬಿಳುಪು, 30ಕ್ಕೆ ಹಸುರು. ತಲೆಯ ಮೇಲೆ ಅಂಕಿಯೂ ಇರುತ್ತದೆ. ನೀಲಿಯ ಜಾಗಕ್ಕೆ ನೀಲಿ, ಕೆಂಪಿನ ಜಾಗಕ್ಕೆ ಕೆಂಪು. ಅಕ್ಷರ ಬಾರದವರೂ ಪಾಲಿಸಬಹುದಾದ ನಿಯಮ. ಹೊಸದು ಹಾಕಿದ ಕೂಡಲೇ ಮತ್ತೆ ಹೋದರೆ ಮೂರನೆಯದನ್ನು ಹಾಕಬೇಡಿ, ಕಾರಣ ಹುಡುಕಿಸಿ. ನಮ್ಮಲ್ಲಿ ಕಾರಣಗಳಿಗೆ ಬರವಿಲ್ಲ. ಅಡಿಕೆಯ ಕೊಟ್ಟಿಗೆಯ ಪಕ್ಕ ನಿಲ್ಲಿಸಿದ ವಾಹನದ ವೈರುಗಳನ್ನು ಇಲಿ ಕಡಿಯುತ್ತದೆ. ನಾಲ್ಕು ತಿಂಗಳ ಮಳೆಯ ತೇವಕ್ಕೆ ಜೋಡಣೆಗಳಲ್ಲಿ ಕಿಲುಬು ಹಿಡಿಯುತ್ತದೆ. ಹಾರ್ನು, ದೀಪ, ಹಾಡಿನ ಪೆಟ್ಟಿಗೆ ಎಂದು ನಾವೇ ಸಿಕ್ಕಸಿಕ್ಕಲ್ಲಿ ತಂತಿ ಕಟ್ಟಿಸುತ್ತೇವೆ.

ಇದಕ್ಕೆ ಬರುವ ಆಕ್ಷೇಪಗಳನ್ನು ನಾನು ಬಲ್ಲೆ. “ಗುಂಡ್ಯದ ಕಾಡಿನಲ್ಲಿ, ಆನೆ ಓಡಾಡುವ ದಾರಿಯಲ್ಲಿ ರಾತ್ರಿ ಹೆಡ್‌ಲೈಟು ಆರಿದರೆ ನಿಮ್ಮ ನಿಯಮ ಹಿಡಿದುಕೊಂಡು ಕೂರುವುದೇ?” ಎಂದು ಭಾವನೇ ಒಮ್ಮೆ ವಾದಿಸಿದ್ದರು. ನ್ಯಾಯವಾದ ಪ್ರಶ್ನೆ. ಆದರೆ ಅಂಥ ರಾತ್ರಿಗೂ ತಂತಿ ಬೇಕಾಗಿಲ್ಲ. ಆಗ ಅಗತ್ಯವಿಲ್ಲದ ರೇಡಿಯೋದ್ದೋ ಇನ್ನೊಂದರದ್ದೋ ಅದೇ ಅಂಕಿಯ ಫ್ಯೂಸನ್ನು ಕಿತ್ತು ಹಾಕಿಕೊಳ್ಳಬಹುದು. ಅದೇ ಅಂಕಿಯದು ಇಲ್ಲದಿದ್ದರೆ ಚಿಕ್ಕದನ್ನು ಹಾಕಬಹುದು. ಬೇಗ ಹೋದೀತು, ತಂತಿಯನ್ನು ಮಾತ್ರ ಸುಡದು. ಎಲ್ಲಕ್ಕಿಂತ ಮಿಗಿಲಾಗಿ, ಕೆಲವೇ ರೂಪಾಯಿಗಳಿಗೆ ಸಿಗುವ ಬಿಡಿ ಫ್ಯೂಸುಗಳನ್ನು ಒಂದು ಡಬ್ಬಿಯಲ್ಲಿ ಹಾಕಿ ವಾಹನದಲ್ಲಿ ಇಟ್ಟುಕೊಂಡರೆ ಈ ಪ್ರಶ್ನೆಯೇ ಏಳದು.

“ಈಗಿನ ಗಾಡಿಗಳೆಲ್ಲ ಎಲೆಕ್ಟ್ರಾನಿಕ್, ನಾವು ಮುಟ್ಟಬಾರದು” ಎನ್ನುವವರೂ ಇದ್ದಾರೆ. ಏರ್‌ಬ್ಯಾಗಿನ ಮಂಡಲವನ್ನು, ವಿದ್ಯುತ್ ಕಾರುಗಳ ಕಿತ್ತಳೆ ಬಣ್ಣದ ದಪ್ಪ ತಂತಿಗಳನ್ನು ಖಂಡಿತ ಮುಟ್ಟಬಾರದು. ಅದು ತಿಳಿದವರ ಕೆಲಸ. ಆದರೆ ವೈಪರು, ದೀಪ, ಹಾರ್ನುಗಳ ಫ್ಯೂಸು ಎಲ್ಲಿದೆಯೆಂದು ಪುಸ್ತಕದಲ್ಲಿ ಅಚ್ಚು ಹಾಕಿ ಕೊಟ್ಟಿರುವುದೇ ಯಜಮಾನನು ನೋಡಲಿ ಎಂದು.

ಕೊನೆಯದಾಗಿ ನನ್ನ ವೃತ್ತಿಯ ಬಗ್ಗೆ ಒಂದು ಮಾತು. “ಫ್ಯೂಸ್ ಎಂದರೇನು?” ಎಂಬ ಪ್ರಶ್ನೆಗೆ ಉತ್ತರ ಬರೆದ ನೂರಾರು ಮಕ್ಕಳಿಗೆ ನಾನು ಅಂಕ ಕೊಟ್ಟೆ. ಒಬ್ಬರ ಕೈಗಾದರೂ ಸುಟ್ಟ ಫ್ಯೂಸೊಂದನ್ನು ಕೊಟ್ಟು “ಇದರಲ್ಲಿ ಏನಾಗಿದೆ, ನೋಡು” ಎನ್ನಲಿಲ್ಲ. ಉತ್ತರ ಬರೆಯಲಾರದೆ ನಪಾಸಾದ ಹುಡುಗ ನನ್ನ ಮೊಮ್ಮಕ್ಕಳನ್ನು ಉಳಿಸಿದನು. ಉತ್ತರ ಹೇಳಿಕೊಟ್ಟವನು ಟಾರ್ಚು ಹಿಡಿದು ಅಪಾಯಕ್ಕೆ ಬೆಳಕು ತೋರಿಸಿದನು. ನಿಮ್ಮಲ್ಲಿ ಹಲವರು ಈಗ ಅಧ್ಯಾಪಕರಾಗಿದ್ದೀರಿ. ಮುಂದಿನ ಸಲ ಆ ಪಾಠ ಬಂದಾಗ, ಶಾಲೆಗೆ ಮಕ್ಕಳನ್ನು ತರುವ ವ್ಯಾನನ್ನೇ ಅಂಗಳದಲ್ಲಿ ನಿಲ್ಲಿಸಿ, ಮುಚ್ಚಳ ತೆಗೆದು ತೋರಿಸಿ. ಮನೆಯಲ್ಲೂ ಗಂಡಸರಿಗೆ ಮಾತ್ರವಲ್ಲ, ಹೆಂಗಸರಿಗೂ ಮಕ್ಕಳಿಗೂ ತೋರಿಸಿ. ಅಂದು ನಿದ್ದೆಯಲ್ಲಿದ್ದ ಮೊಮ್ಮಗಳು ಈಗ ನಮ್ಮ ಮನೆಯ ಫ್ಯೂಸಿನ ಅಧಿಕಾರಿ. ಬಿಡಿ ಫ್ಯೂಸಿನ ಡಬ್ಬಿ ಅವಳ ಸುಪರ್ದಿಯಲ್ಲಿದೆ. ಆ ತಾಮ್ರದ ಸುರುಳಿ ನನ್ನ ಮೇಜಿನ ಮೇಲಿದೆ.

ಕಡಬದ ಶಿಷ್ಯನೇ, ನೀನು ಇದನ್ನು ಓದುವೆಯೆಂದು ಬಲ್ಲೆ. ನಿನ್ನ ವ್ಯಾನಿನ ಆ ಫ್ಯೂಸು ಆಗಾಗ ಹೋಗುತ್ತಿದ್ದುದು ಉಪದ್ರವವಲ್ಲಪ್ಪಾ, ಅದು ಎಚ್ಚರಿಕೆ. ದೊಡ್ಡದನ್ನು ತೆಗೆದು ಮೊದಲಿನ ಅಂಕಿಯದನ್ನೇ ಹಾಕು, ತಂತಿಯನ್ನು ತಿಳಿದವರಿಂದ ಪರೀಕ್ಷೆ ಮಾಡಿಸು. ಆಮೇಲೆ ನನಗೆ ಫೋನ್ ಮಾಡು. ಏಳು ಮಂದಿಯನ್ನು ಕೂರಿಸಿಕೊಂಡು ನಮ್ಮ ಮನೆಗೆ ಬಾ. ಒಟ್ಟಿಗೆ ಕಾಫಿ ಕುಡಿಯೋಣ.