ಯಂತ್ರವೂ ಪ್ರನಾಳವೂ

ಬೇರಿಯಂ ಕ್ಲೋರೈಡಿನ ದ್ರಾವಣಕ್ಕೆ ಒಂದೆರಡು ತೊಟ್ಟು ಗಂಧಕಾಮ್ಲವನ್ನು ಹಾಕಿದೊಡನೆ ಪ್ರನಾಳದ ತಳದಲ್ಲಿ ಬಿಳಿಯ ಪ್ರಕ್ಷೇಪ ಕೂಡುವುದನ್ನು ನಾವೆಲ್ಲರೂ ವಿದ್ಯಾರ್ಥಿ ದೆಸೆಯಲ್ಲಿ ಕಂಡವರೇ. ಕಂಡದ್ದನ್ನು ಪುಸ್ತಕದಲ್ಲಿ ಗುರುತು ಹಾಕಿ, ಪ್ರನಾಳವನ್ನು ತೊಳೆದಿಟ್ಟು ಹೊರಟುಬಿಡುತ್ತೇವೆ. ಲವಣ ವಿಶ್ಲೇಷಣೆಯೆಂದರೆ ಅಂಕಗಳಿಗಾಗಿ ಮಾಡಿ ಮುಗಿಸಬೇಕಾದ ಬೇಸರದ ಕೆಲಸವೆಂಬ ಭಾವನೆ ಬಹುಮಂದಿ ವಿದ್ಯಾರ್ಥಿಗಳಲ್ಲಿ ಉಂಟು. ಪರಮಾಣುವಿನ ಮಾತು ಬಂದಾಗ ಮಾತ್ರ ಕಣ್ಣುಗಳು ಅರಳುತ್ತವೆ. ಮನಸ್ಸು ಬೃಹತ್ ಯಂತ್ರಗಳತ್ತ ಹರಿಯುತ್ತದೆ. ಆದರೆ ಪರಮಾಣು ಯುಗದ ಬಾಗಿಲನ್ನು ತೆರೆದದ್ದು ಇದೇ ಬೇರಿಯಂ, ಇದೇ ಬಗೆಯ ಬೇಸರದ ಕೆಲಸ. ಈ ಸಂಗತಿಯನ್ನು ಮರೆತದ್ದರಿಂದ ವಿಜ್ಞಾನದ ಚರಿತ್ರೆಗೆ ಮಾತ್ರವಲ್ಲ, ನಮ್ಮ ಶಿಕ್ಷಣಕ್ಕೂ ನಷ್ಟವಾಗಿದೆಯೆಂಬುದು ನಮ್ಮ ಅಭಿಪ್ರಾಯ.

ಪ್ರಶ್ನೆ ಇಷ್ಟೆ. ಒಂದು ಮೂಲವಸ್ತುವಿನ ಮೇಲೆ ವೇಗವಾದ ಕಣಗಳನ್ನು ಹಾಯಿಸಿದಾಗ ಅದರ ಕೆಲವು ಪರಮಾಣುಗಳು ಬೇರೊಂದು ಮೂಲವಸ್ತುವಾಗಿ ಮಾರ್ಪಡಬಹುದು. ಹಾಗೆ ಹುಟ್ಟಿದ ಪರಮಾಣುಗಳು ಕಣ್ಣಿಗೆ ಕಾಣುವಷ್ಟಿಲ್ಲ, ತಕ್ಕಡಿಗೆ ಸಿಕ್ಕುವಷ್ಟೂ ಇಲ್ಲ. ವಿಕಿರಣವನ್ನು ಎಣಿಸುವ ಉಪಕರಣವು "ಇಲ್ಲಿ ಏನೋ ಇದೆ" ಎಂದು ಹೇಳೀತೇ ಹೊರತು ಆ ವಸ್ತು ಯಾವುದೆಂದು ತಾನಾಗಿ ಹೇಳಲಾರದು. ಅದರ ಹೆಸರನ್ನು ನಿಶ್ಚಯಿಸಬೇಕಾದವರು ಯಾರು? ಹಲವು ದಶಕಗಳ ಕಾಲ ಆ ಹೊಣೆಯನ್ನು ಹೊತ್ತವರು ರಸಾಯನಶಾಸ್ತ್ರಜ್ಞರು.

1934ರ ಆರಂಭದಲ್ಲಿ ಪ್ಯಾರಿಸ್ ನಗರದಲ್ಲಿ ಐರೀನ್ ಕ್ಯೂರಿ ಮತ್ತು ಫ್ರೆಡರಿಕ್ ಜೋಲಿಯೋ ದಂಪತಿಗಳು ಅಲ್ಯೂಮಿನಿಯಂ ಹಾಳೆಯೊಂದರ ಮೇಲೆ ಪೊಲೋನಿಯಂನಿಂದ ಹೊಮ್ಮುವ ಆಲ್ಫ ಕಣಗಳನ್ನು ಹಾಯಿಸಿದರು. ಪೊಲೋನಿಯಮ್ಮನ್ನು ದೂರ ಸರಿಸಿದ ಮೇಲೆಯೂ ಹಾಳೆ ವಿಕಿರಣವನ್ನು ಸೂಸುತ್ತಲೇ ಇತ್ತು. ಅಲ್ಯೂಮಿನಿಯಂ ರಂಜಕವಾಗಿ ಮಾರ್ಪಟ್ಟಿರಬೇಕೆಂದು ಅವರು ಊಹಿಸಿದರು. ಊಹೆ ಸಾಲದು, ಸಾಕ್ಷ್ಯ ಬೇಕು. ಆ ರಂಜಕದ ಅರ್ಧಾಯು ಸುಮಾರು ಎರಡೂವರೆ ನಿಮಿಷ ಮಾತ್ರ. ಅಷ್ಟರೊಳಗೆ ಹಾಳೆಯನ್ನು ಹೈಡ್ರೋಕ್ಲೋರಿಕ್ ಆಮ್ಲದಲ್ಲಿ ಕರಗಿಸಿದರು. ರಂಜಕವು ಜಲಜನಕದೊಡನೆ ಅನಿಲರೂಪದಲ್ಲಿ ಹೊರಬಿತ್ತು. ವಿಕಿರಣವೂ ಅದರೊಡನೆಯೇ ಹೋಯಿತು. ಅಲ್ಯೂಮಿನಿಯಂ ದ್ರಾವಣದಲ್ಲಿಯೇ ಉಳಿಯಿತು. ಮಾನವನು ಕೃತಕವಾಗಿ ವಿಕಿರಣಪಟು ವಸ್ತುವನ್ನು ನಿರ್ಮಿಸಿದನೆಂಬುದು ಹೀಗೆ ಸಿದ್ಧವಾಯಿತು. ಮರುವರ್ಷ ಇವರಿಗೆ ದೊರೆತ ನೊಬೆಲ್ ಪಾರಿತೋಷಕ ರಸಾಯನಶಾಸ್ತ್ರದ್ದೆಂಬುದನ್ನು ಗಮನಿಸಬೇಕು.

1937ರಲ್ಲಿ ಇಟಲಿಯ ಪಲೆರ್ಮೋ ನಗರದಲ್ಲಿ ಎಮಿಲಿಯೋ ಸೆಗ್ರೆ ಎಂಬ ಭೌತವಿಜ್ಞಾನಿಯೂ ಕಾರ್ಲೋ ಪೆರಿಯೆ ಎಂಬ ಖನಿಜಶಾಸ್ತ್ರಜ್ಞರೂ ಕೂಡಿ ನಡೆಸಿದ ಕೆಲಸವೂ ಇದೇ ಬಗೆಯದು. ಅಮೆರಿಕದ ಬರ್ಕ್ಲಿಯ ಸೈಕ್ಲೊಟ್ರಾನ್ ಯಂತ್ರದಲ್ಲಿ ಬಹುಕಾಲ ಕಣಗಳ ಹೊಡೆತಕ್ಕೆ ಸಿಕ್ಕಿದ್ದ ಮಾಲಿಬ್ಡಿನಂ ಲೋಹದ ತುಂಡು ಅವರ ಕೈಸೇರಿತ್ತು. ಅದರ ವಿಕಿರಣವು ಯಾವ ಮೂಲವಸ್ತುವಿನದೆಂದು ಒಂದೊಂದನ್ನೇ ಬೇರ್ಪಡಿಸಿ ನೋಡಿ, ಆವರ್ತ ಕೋಷ್ಟಕದಲ್ಲಿ ಖಾಲಿ ಬಿದ್ದಿದ್ದ 43ನೆಯ ಮನೆಯನ್ನು ತುಂಬಿದರು. ಕೃತಕವಾಗಿ ದೊರೆತ ಮೊದಲ ಮೂಲವಸ್ತುವಾದ ಟೆಕ್ನೀಷಿಯಂ ಅದೇ.

ಸಾಕ್ಷ್ಯವನ್ನು ಅರ್ಧಕ್ಕೆ ನಿಲ್ಲಿಸಿದರೆ ಏನಾಗುತ್ತದೆಂಬುದಕ್ಕೂ ಉದಾಹರಣೆಯುಂಟು. 1934ರಲ್ಲಿ ರೋಮ್ ನಗರದಲ್ಲಿ ಎನ್ರಿಕೋ ಫರ್ಮಿಯವರ ತಂಡ ಯುರೇನಿಯಂ ಮೇಲೆ ನ್ಯೂಟ್ರಾನುಗಳನ್ನು ಹಾಯಿಸಿ, ಹೊಸ ವಿಕಿರಣವನ್ನು ಕಂಡಿತು. ಯುರೇನಿಯಂನಿಂದ ಸೀಸದವರೆಗಿನ ಮೂಲವಸ್ತುಗಳು ಅದಲ್ಲವೆಂದು ಪರೀಕ್ಷಿಸಿ, ಅದು 93ನೆಯ ಮೂಲವಸ್ತುವಾಗಿರಬಹುದೆಂದು ಸೂಚಿಸಿತು. ಜರ್ಮನಿಯ ರಸಾಯನಶಾಸ್ತ್ರಜ್ಞೆ ಇಡಾ ನೋಡಾಕ್ ಅದೇ ವರ್ಷ ಆಕ್ಷೇಪವೆತ್ತಿದರು. ಸೀಸದ ಬಳಿ ನಿಲ್ಲುವುದೇಕೆ, ತಿಳಿದಿರುವ ಎಲ್ಲ ಮೂಲವಸ್ತುಗಳನ್ನೂ ಪರೀಕ್ಷಿಸಬೇಡವೆ, ಭಾರವಾದ ಪರಮಾಣುಬೀಜವು ದೊಡ್ಡ ತುಂಡುಗಳಾಗಿ ಒಡೆದಿರಲೂ ಬಹುದಲ್ಲವೆ ಎಂಬುದು ಅವರ ವಾದ. ಯಾರೂ ಅದಕ್ಕೆ ಕಿವಿಗೊಡಲಿಲ್ಲ. 1925ರಲ್ಲಿ ತಾವು 43ನೆಯ ಮೂಲವಸ್ತುವನ್ನು ಕಂಡೆವೆಂದು ನೋಡಾಕರೂ ಅವರ ಸಂಗಡಿಗರೂ ಸಾರಿದ್ದು ದೃಢಪಟ್ಟಿರಲಿಲ್ಲ. ಆ ಅಪಕೀರ್ತಿಯೂ ಅವರ ಮಾತಿನ ಬೆಲೆಯನ್ನು ತಗ್ಗಿಸಿರಬಹುದು. ತಮ್ಮ ಊಹೆಯನ್ನು ಅವರೂ ಪ್ರಯೋಗದಿಂದ ಸಾಧಿಸಲಿಲ್ಲ. ಹೀಗೆ ನಾಲ್ಕು ವರ್ಷಗಳು ಕಳೆದುಹೋದವು.

1938ರ ಡಿಸೆಂಬರಿನಲ್ಲಿ ಬರ್ಲಿನ್ನಿನ ರಸಾಯನಶಾಸ್ತ್ರಜ್ಞರಾದ ಓಟೋ ಹಾನ್ ಮತ್ತು ಫ್ರಿಟ್ಸ್ ಸ್ಟ್ರಾಸ್‌ಮನ್ ಅದೇ ಒಗಟನ್ನು ಬಿಡಿಸುತ್ತಿದ್ದರು. ಯುರೇನಿಯಂನಿಂದ ಹುಟ್ಟಿದ ವಸ್ತು ರೇಡಿಯಂ ಇರಬೇಕೆಂದು ಭಾವಿಸಿ, ಅದನ್ನು ಹೊತ್ತು ತರಲೆಂದು ಬೇರಿಯಂ ಲವಣವನ್ನು ಬೆರೆಸಿದ್ದರು. ಆಮೇಲೆ ಹರಳುಗಟ್ಟಿಸಿ ರೇಡಿಯಮ್ಮನ್ನು ಬೇರಿಯಂನಿಂದ ಬೇರ್ಪಡಿಸಹೊರಟರು. ಎಷ್ಟು ಸಲ ಮಾಡಿದರೂ ವಿಕಿರಣವು ಬೇರಿಯಮ್ಮನ್ನು ಬಿಟ್ಟು ಕದಲಲಿಲ್ಲ. ಹಾಗಾದರೆ ಅದು ಬೇರಿಯಮ್ಮೇ ಆಗಿರಬೇಕು! 92ನೆಯ ಮೂಲವಸ್ತುವಿನಿಂದ 56ನೆಯದು ಹುಟ್ಟುವುದೆಂದರೆ ಅಂದಿನ ಭೌತವಿಜ್ಞಾನಕ್ಕೆ ಅಸಂಭವವೆಂದೇ ತೋರುತ್ತಿದ್ದ ಮಾತು. ಅವರು ಹಿಂಜರಿದರು, ಆದರೆ ಕಂಡದ್ದನ್ನು ಮರೆಮಾಚಲಿಲ್ಲ. 1939ರ ಜನವರಿಯಲ್ಲಿ ಪ್ರಕಟಿಸಿದರು. ಸಿದ್ಧಾಂತಕ್ಕೆ ಒಪ್ಪಿಗೆಯಾಗದಿದ್ದರೂ ಪ್ರನಾಳದ ಸಾಕ್ಷ್ಯವನ್ನು ಅಳಿಸದಿರುವ ಈ ಧೈರ್ಯವನ್ನೇ ನಾವು ವೈಜ್ಞಾನಿಕ ಮನೋಧರ್ಮವೆನ್ನುತ್ತೇವೆ.

ಮುಂದಿನ ಚರಿತ್ರೆಯೂ ಇದನ್ನೇ ಸಾರುತ್ತದೆ. 1941ರ ಫೆಬ್ರವರಿಯಲ್ಲಿ ಬರ್ಕ್ಲಿಯಲ್ಲಿ ಸೀಬೋರ್ಗ್, ವಾಲ್, ಕೆನಡಿ ಇವರು ಪ್ರಬಲ ಉತ್ಕರ್ಷಣಕಾರಿಯನ್ನು ಉಪಯೋಗಿಸಿ 94ನೆಯ ಮೂಲವಸ್ತುವನ್ನು ಬೇರ್ಪಡಿಸಿದರು, ಅದೇ ಪ್ಲುಟೋನಿಯಂ. 1942ರ ಸೆಪ್ಟೆಂಬರ್ 10ರಂದು ಷಿಕಾಗೋ ನಗರದಲ್ಲಿ ಕನಿಂಗ್‌ಹ್ಯಾಮ್ ಮತ್ತು ವರ್ನರ್ ಅದರ ಆಕ್ಸೈಡನ್ನು ಮೊದಲ ಬಾರಿಗೆ ತೂಗಿದರು, ತೂಕ 2.77 ಮೈಕ್ರೋಗ್ರಾಂ. ಒಂದು ಮೈಕ್ರೋಗ್ರಾಂ ಎಂದರೆ ಗ್ರಾಮಿನ ಹತ್ತು ಲಕ್ಷದಲ್ಲೊಂದು ಪಾಲು. 1955ರಲ್ಲಿ 101ನೆಯ ಮೂಲವಸ್ತುವಾದ ಮೆಂಡೆಲೀವಿಯಮ್ಮನ್ನು ಗುರುತಿಸಿದಾಗ ದೊರೆತಿದ್ದವು ಹದಿನೇಳು ಪರಮಾಣುಗಳು ಮಾತ್ರ. ಆ ಮೂಲವಸ್ತು ಪ್ರತ್ಯೇಕಿಸುವ ಸ್ತಂಭದಿಂದ ಯಾವ ಸರದಿಯಲ್ಲಿ ತೊಟ್ಟಿಕ್ಕಬೇಕೆಂದು ಮೊದಲೇ ಲೆಕ್ಕ ಹಾಕಿ ಕಾದು ಕುಳಿತದ್ದರಿಂದಲೇ ಅಷ್ಟನ್ನು ಹಿಡಿಯಲು ಸಾಧ್ಯವಾಯಿತು.

ನಮ್ಮ ಮಾತು ಏಕಪಕ್ಷೀಯವಾಯಿತೆಂದು ವಾಚಕರು ಹೇಳಬಹುದು. ಯಂತ್ರಗಳಿಲ್ಲದೆ ಈ ಪರಮಾಣುಗಳು ಹುಟ್ಟುತ್ತಿರಲಿಲ್ಲ, ನಿಜ. ಹಾನ್‌ರ ಬೇರಿಯಂಗೆ ಅರ್ಥ ಕೊಟ್ಟವರು ಭೌತವಿಜ್ಞಾನಿಗಳಾದ ಲೀಸ ಮೈಟ್ನರ್ ಮತ್ತು ಅವರ ಸೋದರಿಯ ಮಗ ಓಟೋ ಫ್ರಿಷ್. ನಾಟ್ಸಿಗಳ ಕಾಟದಿಂದ ಮೈಟ್ನರ್ 1938ರ ಜುಲೈಯಲ್ಲಿಯೇ ಬರ್ಲಿನ್ನನ್ನು ತೊರೆಯಬೇಕಾಗಿತ್ತು. 1944ರ ನೊಬೆಲ್ ಪಾರಿತೋಷಕ ಹಾನ್ ಒಬ್ಬರಿಗೇ ಸಂದಿತು. ಆ ಅನ್ಯಾಯವನ್ನು ನಾವು ಸಮರ್ಥಿಸುವುದಿಲ್ಲ. ಇನ್ನು ಈಚಿನ ಭಾರಿ ಮೂಲವಸ್ತುಗಳ ಆಯುಸ್ಸು ಕ್ಷಣಾಂಶ ಮಾತ್ರ. ಆಮ್ಲದಲ್ಲಿ ಕರಗಿಸಲು ವೇಳೆಯೆಲ್ಲಿ? 118ನೆಯದಾದ ಒಗನೆಸಾನ್‌ವರೆಗೆ ಅವುಗಳನ್ನು ಗುರುತಿಸಿದ್ದು ಅವು ಕ್ಷಯಿಸುವ ಸರಣಿಯಿಂದ. ಆದರೂ 2001ರಲ್ಲಿ ಜರ್ಮನಿಯ ಡಾರ್ಮ್‌ಸ್ಟಾಟ್ ನಗರದಲ್ಲಿ 108ನೆಯ ಹ್ಯಾಸಿಯಂನ ಏಳೇ ಏಳು ಅಣುಗಳಿಂದ ಅದರ ರಾಸಾಯನಿಕ ಸ್ವಭಾವವನ್ನು ಅರಿತರು. ರಸಾಯನಶಾಸ್ತ್ರದ ಕೆಲಸ ಮುಗಿದಿಲ್ಲ.

ಕೀರ್ತಿಯಲ್ಲಿ ಪಾಲು ಕೇಳುವವರು ಹೊಣೆಯಲ್ಲಿಯೂ ಪಾಲು ಒಪ್ಪಬೇಕು. ಮೈಕ್ರೋಗ್ರಾಮಿನಲ್ಲಿ ಕಲಿತ ವಿಧಾನವನ್ನೇ ನೂರು ಕೋಟಿ ಪಟ್ಟು ಹಿಗ್ಗಿಸಿ ತೆಗೆದ ಪ್ಲುಟೋನಿಯಂ 1945ರ ಆಗಸ್ಟ್ 9ರಂದು ನಾಗಸಾಕಿಯ ಮೇಲೆ ಬಿತ್ತು. ಅದಕ್ಕೆ ಸಾಕಾದದ್ದು ಸುಮಾರು 6 ಕಿಲೋಗ್ರಾಂ. ಬಾಂಬನ್ನು ಊರಿನ ಮೇಲೆ ಹಾಕದೆ ನಿರ್ಜನ ಸ್ಥಳದಲ್ಲಿ ಪ್ರದರ್ಶಿಸಬೇಕೆಂದು ಅದೇ ವರ್ಷದ ಜೂನ್‌ನಲ್ಲಿ ಬರೆದ ಫ್ರಾಂಕ್ ವರದಿಗೆ ಸೀಬೋರ್ಗರೂ ಸಹಿ ಹಾಕಿದ್ದರು. ಅದು ನಡೆಯಲಿಲ್ಲ. ಇನ್ನೊಂದು ಕಡೆ ನೋಡಿದರೆ, ಪಲೆರ್ಮೋದಲ್ಲಿ ಹುಟ್ಟಿದ ಟೆಕ್ನೀಷಿಯಂ ಇಂದು ನಮ್ಮ ದೇಶದ ಆಸ್ಪತ್ರೆಗಳಲ್ಲಿಯೂ ರೋಗಿಯ ಎಲುಬು, ಹೃದಯಗಳ ಸ್ಥಿತಿಯನ್ನು ತೋರಿಸುತ್ತಿದೆ. ಅಲ್ಲಿಯೂ ಮಾಲಿಬ್ಡಿನಂ ಹಿಡಿದಿಟ್ಟ ಸ್ತಂಭದ ಮೂಲಕ ಉಪ್ಪುನೀರನ್ನು ಹರಿಸಿ ಅದನ್ನು ಬೇರ್ಪಡಿಸುತ್ತಾರೆ. ಕೊಂದದ್ದೂ ಕಾಯುವುದೂ ಒಂದೇ ಕೌಶಲ. ಅದನ್ನು ಯಾವುದಕ್ಕೆ ತೊಡಗಿಸಬೇಕೆಂಬುದನ್ನು ಪ್ರನಾಳ ಹೇಳದು, ಮನುಷ್ಯನೇ ನಿರ್ಧರಿಸಬೇಕು.

ಆದುದರಿಂದ ವಿದ್ಯಾರ್ಥಿ ಮಿತ್ರರಲ್ಲಿ ನಮ್ಮದೊಂದು ವಿಜ್ಞಾಪನೆ. ಮುಂದಿನ ಸಲ ಲವಣವನ್ನು ಪರೀಕ್ಷಿಸುವಾಗ ಉತ್ತರವನ್ನು ಪಕ್ಕದವರ ಪುಸ್ತಕದಿಂದ ಇಳಿಸಿಕೊಳ್ಳಬೇಡಿ. ನಿರೀಕ್ಷಿಸಿದ ಉತ್ತರ ಬಂದಿತೆಂದು ಉಳಿದ ಗುಂಪುಗಳ ಪರೀಕ್ಷೆಯನ್ನು ಬಿಡಬೇಡಿ. ಫರ್ಮಿಯಂತಹ ಮಹಾಮೇಧಾವಿಯನ್ನೂ ದಾರಿ ತಪ್ಪಿಸಿದ್ದು ಬಿಟ್ಟುಹೋದ ಪರೀಕ್ಷೆಗಳು. ಪ್ರನಾಳದಲ್ಲಿ ಬೇರಿಯಂ ಕಂಡರೆ ಬೇರಿಯಂ ಎಂದೇ ಬರೆಯಿರಿ.