ಚಾವಡಿಯ ಮಾತು: ಆವಾಹನೆಗೂ ಒಂದು ಕ್ರಮವುಂಟು



ಆಟಿ ತಿಂಗಳ ಮಳೆ ಹಿಡಿಯಿತೆಂದರೆ ಕಾಸರಗೋಡಿನ ಕಡೆಯ ನಮ್ಮ ಮನೆಗಳಲ್ಲಿ ಚಾವಡಿಯೇ ಲೋಕವಾಗಿಬಿಡುತ್ತದೆ. ಅಂಗಳಕ್ಕೆ ಇಳಿಯುವಂತಿಲ್ಲ, ತೋಟಕ್ಕೆ ಹೋಗುವಂತಿಲ್ಲ. ಹಲಸಿನ ಹಪ್ಪಳ ಮೆಲ್ಲುತ್ತ ಹಳೆಯ ಮಾತುಗಳನ್ನು ತೆಗೆಯುವುದಕ್ಕೆ ಅದಕ್ಕಿಂತ ಪ್ರಶಸ್ತವಾದ ಕಾಲ ಬೇರೊಂದಿಲ್ಲ. ಈ ಬಾರಿ ಅದೇ ದಿನಗಳಲ್ಲಿ ಮಗನ ಸಂಸಾರವು ಕೊಲ್ಲಿ ನಾಡಿನಿಂದ ರಜೆಗೆ ಬಂದಿತ್ತು. ಹನ್ನೆರಡು ವರ್ಷದ ಮೊಮ್ಮಗನು ಚೀಲದಿಂದ ಹೊರತೆಗೆದುದು ಬಣ್ಣಬಣ್ಣದ ಎಲೆಗಳ ಎರಡು ಕಟ್ಟುಗಳನ್ನು. "ಅಜ್ಜಾ, ಆಡುವ ಬನ್ನಿ" ಎಂದನು. ಇಸ್ಪೀಟೆಂದು ತಿಳಿದು ಮುಖ ಸಿಂಡರಿಸಿದೆನು. ಅದು ಇಸ್ಪೀಟಲ್ಲ, ಯು-ಗಿ-ಓ ಎಂಬ ಜಪಾನೀ ಆಟ.

ಇದರ ಮೂಲವಿರುವುದು ಒಂದು ಚಿತ್ರಕಥೆಯಲ್ಲಿ. ಕಾಜುಕಿ ತಾಕಾಹಾಶಿ ಎಂಬ ಚಿತ್ರಕಾರರು 1996ರಿಂದ 2004ರವರೆಗೆ ಷೋನೆನ್ ಜಂಪ್ ಎಂಬ ವಾರಪತ್ರಿಕೆಯಲ್ಲಿ ಅದನ್ನು ಬರೆದರು. ಕೊನಾಮಿ ಸಂಸ್ಥೆಯು 1999ರಲ್ಲಿ ಜಪಾನಿನಲ್ಲಿಯೂ, 2002ರಲ್ಲಿ ಇಂಗ್ಲಿಷಿನಲ್ಲಿಯೂ ಎಲೆಗಳನ್ನು ಹೊರತಂದಿತು. 2011ರ ವೇಳೆಗೆ ಮಾರಾಟವಾದ ಎಲೆಗಳ ಸಂಖ್ಯೆ 2500 ಕೋಟಿಯನ್ನು ದಾಟಿತ್ತೆಂದರೆ ಇದರ ಹರವನ್ನು ಊಹಿಸಬಹುದು. ಅದನ್ನು ಹುಟ್ಟಿಸಿದ ತಾಕಾಹಾಶಿಯವರು 2022ರ ಜುಲೈಯಲ್ಲಿ ಒಕಿನಾವಾದ ಕಡಲಲ್ಲಿ ತೀರಿಕೊಂಡರು. ನೀರಿನ ಸೆಳೆತಕ್ಕೆ ಸಿಕ್ಕವರ ನೆರವಿಗಾಗಿ ಕಡಲಿಗೆ ಇಳಿದಿದ್ದರೆಂದು ಆಮೇಲೆ ವರದಿಯಾಯಿತು.

ಆಟದ ಮೊದಲ ಪಾಠವು ಸುಲಭವೇ. ಇಬ್ಬರು ಎದುರೆದುರು ಕುಳಿತುಕೊಳ್ಳಬೇಕು. ಒಬ್ಬೊಬ್ಬರಿಗೂ 8000 ಜೀವಾಂಕ, 40ರಿಂದ 60 ಎಲೆಗಳ ಮುಖ್ಯ ಕಟ್ಟು, ಕೈಯಲ್ಲಿ ಮೊದಲಿಗೆ ಐದು ಎಲೆ. ಎಲೆಗಳಲ್ಲಿ ದೈತ್ಯರು, ಮಂತ್ರಗಳು, ಬಲೆಗಳು ಎಂದು ಮೂರು ಜಾತಿ. ದೈತ್ಯನನ್ನು ಕೈಯಿಂದ ಅಂಕಣಕ್ಕೆ ಕರೆತರುವ ಕ್ರಿಯೆಗೆ ಇಂಗ್ಲಿಷಿನಲ್ಲಿ ಸಮನ್ ಎನ್ನುತ್ತಾರೆ. ಪೂಜೆಗೆ ಮುನ್ನ ದೇವರನ್ನು ಕಲಶಕ್ಕೆ ಬರಮಾಡಿಕೊಳ್ಳುವ ನಮ್ಮ 'ಆವಾಹನೆ' ಎಂಬ ಮಾತು ಇದಕ್ಕೆ ಚೆನ್ನಾಗಿ ಒಪ್ಪುತ್ತದೆ. "ಒಂದು ಸರದಿಗೆ ಒಂದೇ ಆವಾಹನೆ" ಎಂದು ಮೊಮ್ಮಗನು ಮೊದಲನೆಯ ದಿನವೇ ಹೇಳಿಕೊಟ್ಟನು. ನಾನು ಅದನ್ನೇ ಗಟ್ಟಿಯಾಗಿ ಹಿಡಿದುಕೊಂಡೆನು. ಅನರ್ಥಕ್ಕೆ ಮೂಲವಾದುದು ಅದೇ.

ಮೂರನೆಯ ದಿನ ನಾನು ಅವನ ಸ್ಪೀಡ್ ವಾರಿಯರ್ ಎಂಬ ಎರಡನೆಯ ಮಟ್ಟದ ದೈತ್ಯನನ್ನು ಹೊಡೆದು ಸ್ಮಶಾನಕ್ಕೆ ಕಳುಹಿಸಿ ಹಿಗ್ಗುತ್ತಿದ್ದೆನು. ಸೋತ ಎಲೆಗಳನ್ನು ಇಡುವ ಸ್ಥಳಕ್ಕೆ ಆಟದಲ್ಲಿ ಆ ಹೆಸರು. ಅವನ ಸರದಿ ಬಂದಿತು. ಜಂಕ್ ಸಿಂಕ್ರಾನ್ ಎಂಬ ಮೂರನೆಯ ಮಟ್ಟದ ಎಲೆಯನ್ನು ಇಟ್ಟನು. ಕೂಡಲೇ ಸ್ಮಶಾನದಲ್ಲಿದ್ದ ಸ್ಪೀಡ್ ವಾರಿಯರನನ್ನು ಮೇಲಕ್ಕೆತ್ತಿ ಪಕ್ಕದಲ್ಲಿರಿಸಿದನು. ಮರುಕ್ಷಣವೇ ಆ ಎರಡನ್ನೂ ತೆಗೆದು, ಬೇರೆಯೇ ಆಗಿದ್ದ ಇನ್ನೊಂದು ಸಣ್ಣ ಕಟ್ಟಿನಿಂದ ಬಿಳಿಯ ಬಣ್ಣದ ಜಂಕ್ ವಾರಿಯರ್ ಎಂಬವನನ್ನು ಇಳಿಸಿದನು. ಅವನ ದಾಳಿಬಲ 2300. ಒಂದೇ ಸರದಿಯಲ್ಲಿ ಮೂವರು ಬಂದರು!

"ಇದು ಮೋಸ" ಎಂದುಬಿಟ್ಟೆನು. ನೆರೆಮನೆಯ ಮಕ್ಕಳೂ ಅಲ್ಲಿ ಕುಳಿತಿದ್ದರು. ಹುಡುಗನು ಮಾತಾಡಲಿಲ್ಲ. ಎಲೆಗಳನ್ನು ಒಟ್ಟುಗೂಡಿಸಿ ಚೀಲಕ್ಕೆ ಸೇರಿಸಿದನು. ಆ ರಾತ್ರಿ ಊಟಕ್ಕೆ ನನ್ನ ಪಕ್ಕದಲ್ಲಿ ಕುಳಿತುಕೊಳ್ಳಲಿಲ್ಲ. ಮರುದಿನವೂ ಹಾಗೆಯೇ. ಮನೆಯಾಕೆ ಬಡಿಸುತ್ತ ಒಂದೇ ಮಾತನ್ನು ಹೇಳಿದಳು: "ಮಗುವನ್ನು ಮೋಸಗಾರನೆಂದಿರಲ್ಲ, ಆ ಆಟ ನಿಮಗೆ ಪೂರ್ತಿ ಗೊತ್ತುಂಟೋ?"

ಗೊತ್ತಿರಲಿಲ್ಲ. ರಜೆಯಲ್ಲಿ ಉಳಿದಿದ್ದುದು ಹನ್ನೊಂದು ದಿನ. ಸೊಸೆಯು ಆಟದ ನಿಯಮಪುಸ್ತಿಕೆಯನ್ನು ಮುದ್ರಿಸಿ ತಂದುಕೊಟ್ಟಳು. ಕನ್ನಡಕ ಒರೆಸಿಕೊಂಡು ಕುಳಿತೆನು.

ಮೊಮ್ಮಗನು ಹೇಳಿದ್ದುದು ಸುಳ್ಳಲ್ಲ, ಅರ್ಧ ಮಾತ್ರ. ಸರದಿಗೆ ಒಂದೇ ಎಂಬ ಕಟ್ಟು ಇರುವುದು 'ಸಾಮಾನ್ಯ' ಆವಾಹನೆಗೆ. ನಾಲ್ಕನೆಯ ಮಟ್ಟದವರೆಗಿನ ದೈತ್ಯನು ಸುಮ್ಮನೆ ಬರುತ್ತಾನೆ. ಐದು ಅಥವಾ ಆರನೆಯ ಮಟ್ಟದವನಾದರೆ ಅಂಕಣದಲ್ಲಿರುವ ಒಬ್ಬನನ್ನು ಒಪ್ಪಿಸಬೇಕು. ಏಳು ಅಥವಾ ಅದಕ್ಕೂ ಮೇಲ್ಪಟ್ಟವನಾದರೆ ಇಬ್ಬರನ್ನು. ಇಂಗ್ಲಿಷಿನಲ್ಲಿ ಇದಕ್ಕೆ ಟ್ರಿಬ್ಯೂಟ್, ಅಂದರೆ ಕಪ್ಪಕಾಣಿಕೆ ಎಂಬ ಹೆಸರು. ಜಪಾನಿನಲ್ಲಿ ಮೊದಲು 'ಬಲಿ' ಎಂದೇ ಇದ್ದುದನ್ನು ಆಮೇಲೆ 'ಬಿಡುಗಡೆ' ಎಂದು ಬದಲಿಸಿದರಂತೆ. ಇದೂ ಸಾಮಾನ್ಯ ಆವಾಹನೆಯ ಲೆಕ್ಕಕ್ಕೇ ಸೇರುತ್ತದೆ. ಇವನ್ನು ಬಿಟ್ಟು ಉಳಿದುವು ಹೆಚ್ಚಾಗಿ 'ವಿಶೇಷ' ಆವಾಹನೆಗಳು. ಆಯಾ ಎಲೆಯೇ ತಡೆಯದಿದ್ದರೆ ಅವುಗಳಿಗೆ ಸಂಖ್ಯೆಯ ಮಿತಿಯಿಲ್ಲ.

ಜಂಕ್ ಸಿಂಕ್ರಾನಿನ ಎಲೆಯನ್ನು ತರಿಸಿಕೊಂಡು ಓದಿದೆನು. ಅದನ್ನು ಸಾಮಾನ್ಯವಾಗಿ ಆವಾಹಿಸಿದಾಗ ಸ್ಮಶಾನದಲ್ಲಿರುವ ಎರಡನೆಯ ಅಥವಾ ಅದಕ್ಕಿಂತ ಕೆಳಗಿನ ಮಟ್ಟದ ಒಬ್ಬನನ್ನು ಎಬ್ಬಿಸಬಹುದೆಂದು ಅದರಲ್ಲಿಯೇ ಬರೆದಿತ್ತು. ಎದ್ದವನು ರಕ್ಷಣೆಯ ಭಂಗಿಯಲ್ಲಿಯೇ ಇರಬೇಕು, ತನ್ನ ಶಕ್ತಿಯನ್ನು ಬಳಸುವಂತಿಲ್ಲ. ಈ ಎಲೆಗಳ ವಾಕ್ಯರಚನೆಯನ್ನು 2011ರಲ್ಲಿ ತಿದ್ದಿದರು. ಎರಡು ಚುಕ್ಕೆಯ ವಿರಾಮಕ್ಕಿಂತ ಮೊದಲು ಬರುವುದು ಸಂದರ್ಭ. ಅರ್ಧವಿರಾಮಕ್ಕಿಂತ ಮೊದಲು ಬರುವುದು ಆರಿಸಬೇಕಾದದ್ದು ಅಥವಾ ತೆರಬೇಕಾದದ್ದು. ಅದರ ಅನಂತರ ಬರುವುದು ಫಲ. ಫಲವನ್ನು ಎದುರಾಳಿ ತಡೆದರೂ ತೆತ್ತದ್ದು ಹಿಂದಕ್ಕೆ ಬಾರದು. ವಿರಾಮಚಿಹ್ನೆಗಳಿಗೆ ಇಷ್ಟು ಬೆಲೆ ಕೊಡುವ ಗ್ರಂಥವನ್ನು ನಾನು ಅಲ್ಲಿಯವರೆಗೆ ಕಂಡಿರಲಿಲ್ಲ.

ಇನ್ನು ಮೇಲಿನ ತರಗತಿಯ ಆವಾಹನೆಗಳು. ನಮ್ಮ ಮನೆಗಳ ಅಜ್ಜ ಅಜ್ಜಿಯಂದಿರಿಗೂ ತಾಯಂದಿರಿಗೂ ಪ್ರಯೋಜನವಾದೀತೆಂದು ಒಂದೊಂದಾಗಿ ಹೇಳುತ್ತೇನೆ. ಎಲೆಯ ಬಣ್ಣವೇ ಅರ್ಧ ನಿಯಮವನ್ನು ಸೂಚಿಸುತ್ತದೆ.

ನೀಲಿಯದು ರಿಚುವಲ್, ಅಂದರೆ ವಿಧಿಪೂರ್ವಕವಾದದ್ದು. ಈ ದೈತ್ಯನು ಮುಖ್ಯ ಕಟ್ಟಿನಲ್ಲಿಯೇ ಇರುತ್ತಾನೆ. ಅವನು ಕೈಗೆ ಬರಬೇಕು, ಅವನಿಗೆ ಹೊಂದುವ ಮಂತ್ರವೂ ಕೈಗೆ ಬರಬೇಕು. ಬ್ಲ್ಯಾಕ್ ಲಸ್ಟರ್ ಸೋಲ್ಜರ್ ಎಂಬ ಎಂಟನೆಯ ಮಟ್ಟದ ಯೋಧನಿಗೆ, ಒಪ್ಪಿಸುವವರ ಮಟ್ಟಗಳ ಮೊತ್ತವು ಎಂಟು ಅಥವಾ ಅದಕ್ಕೂ ಹೆಚ್ಚು ಆಗಬೇಕು. ಹೆಚ್ಚಾದರೆ ದೋಷವಿಲ್ಲ.

ನೇರಳೆಯದು ಫ್ಯೂಷನ್, ಅಂದರೆ ಬೆಸುಗೆ. ಎಲೆಯಲ್ಲಿ ಹೇಳಿದ ದೈತ್ಯರನ್ನು ಕೈಯಿಂದಲೋ ಅಂಕಣದಿಂದಲೋ ಸ್ಮಶಾನಕ್ಕೆ ಕಳುಹಿಸಿ, ಪಾಲಿಮರೈಸೇಷನ್ ಎಂಬ ಮಂತ್ರದಿಂದ ಒಂದಾಗಿಸುವುದು. ಬ್ಲೂ-ಐಸ್ ವೈಟ್ ಡ್ರ್ಯಾಗನ್ ಎಂಬ ಮೂರು ಘಟಸರ್ಪಗಳು ಕೂಡಿದರೆ 4500 ದಾಳಿಬಲದ ಮೂರು ತಲೆಯ ಘಟಸರ್ಪವೊಂದು ಮೂಡುತ್ತದೆ. ಪೆಂಡುಲಮೊಂದನ್ನು ಬಿಟ್ಟರೆ ಇಲ್ಲಿಂದ ಮುಂದಿನವರ ವಾಸವು ಹೆಚ್ಚೆಂದರೆ 15 ಎಲೆಗಳ 'ಹೆಚ್ಚುವರಿ ಕಟ್ಟಿ'ನಲ್ಲಿ. ನಾನು ಕಂಡ ಸಣ್ಣ ಕಟ್ಟು ಅದೇ.

ಬಿಳಿಯದು ಸಿಂಕ್ರೋ, 2008ರಲ್ಲಿ ಬಂದದ್ದು. ಇದಕ್ಕೆ ಮಂತ್ರ ಬೇಡ. 'ಟ್ಯೂನರ್' ಎಂದು ಬರೆದಿರುವ ಒಬ್ಬನು ಬೇಕು, ಜೊತೆಗೆ ಟ್ಯೂನರ್ ಅಲ್ಲದವರು ಬೇಕು. ಅವರ ಮಟ್ಟಗಳ ಮೊತ್ತವು ಬರುವವನ ಮಟ್ಟಕ್ಕೆ ಸರಿಯಾಗಿ ಹೊಂದಬೇಕು. ಒಂದು ಕಡಮೆಯೂ ಆಗದು, ಒಂದು ಹೆಚ್ಚೂ ಆಗದು. ಜಂಕ್ ಸಿಂಕ್ರಾನ್ ಮೂರು, ಸ್ಪೀಡ್ ವಾರಿಯರ್ ಎರಡು, ಜಂಕ್ ವಾರಿಯರ್ ಐದು. ನನ್ನ ಮೊಮ್ಮಗನ ಲೆಕ್ಕವು ಸರಿಯಾಗಿತ್ತು.

ಕಪ್ಪಿನದು ಎಕ್ಸೀಜ್, 2011ರಲ್ಲಿ ಬಂದದ್ದು. ಇಲ್ಲಿ ಕೂಡಿಸುವ ಲೆಕ್ಕವಿಲ್ಲ. ಒಂದೇ ಮಟ್ಟದ ಇಬ್ಬರನ್ನೋ ಹೆಚ್ಚು ಜನರನ್ನೋ ಒಬ್ಬರ ಮೇಲೊಬ್ಬರಂತೆ ಪೇರಿಸಿ, ಬರುವವನನ್ನು ಮೇಲೆ ಕೂರಿಸಬೇಕು. ಅವನಿಗೆ ಮಟ್ಟವೆಂಬುದಿಲ್ಲ, 'ರ‍್ಯಾಂಕ್' ಎಂಬುದುಂಟು. ಆದುದರಿಂದ ಅವನನ್ನು ಸಿಂಕ್ರೋ ಲೆಕ್ಕಕ್ಕೆ ಸೇರಿಸಲು ಬಾರದು. ಮಕ್ಕಳು ಎಡವುವ ಸ್ಥಳವಿದು. ಯುಟೋಪಿಯಾ ಎಂಬವನು ನಾಲ್ಕನೆಯ ಮಟ್ಟದ ಇಬ್ಬರ ಮೇಲೆ ನಿಲ್ಲುತ್ತಾನೆ. ಕೆಳಗಿನ ಒಂದು ಎಲೆಯನ್ನು ತೆಗೆದರೆ ಒಂದು ದಾಳಿಯನ್ನು ತಡೆಯಬಲ್ಲನು. ಎರಡೂ ಮುಗಿದ ಮೇಲೆ ಯಾರಾದರೂ ಅವನ ಮೇಲೆ ದಾಳಿಗೆ ಗುರಿಯಿಟ್ಟರೆ ಸಾಕು, ತಾನೇ ನಾಶವಾಗುತ್ತಾನೆ. ಹೊತ್ತು ನಿಂತವರನ್ನೆಲ್ಲ ಖರ್ಚುಮಾಡಿದವನ ಗತಿ ಅದು.

ಪೆಂಡುಲಮ್ ಬಂದದ್ದು 2014ರಲ್ಲಿ. ಎಲೆಯ ಮೇಲರ್ಧ ದೈತ್ಯನ ಬಣ್ಣ, ಕೆಳಗರ್ಧ ಮಂತ್ರದ ಹಸಿರು. ಇಂಥ ಎರಡನ್ನು ಅಂಕಣದ ಎರಡು ತುದಿಗಳಲ್ಲಿರಿಸಬೇಕು. ಒಂದರ ಅಳತೆ 1, ಇನ್ನೊಂದರದು 8 ಎಂದಿದ್ದರೆ, ಕೈಯಲ್ಲಿರುವ 2ರಿಂದ 7ನೆಯ ಮಟ್ಟದವರನ್ನು ಸ್ಥಳವಿದ್ದಷ್ಟು ಒಟ್ಟಿಗೆ ಇಳಿಸಬಹುದು. ಸರದಿಗೆ ಒಮ್ಮೆ ಮಾತ್ರ. ತುದಿಯ 1 ಮತ್ತು 8 ಲೆಕ್ಕಕ್ಕಿಲ್ಲ.

ಕಡು ನೀಲಿಯದು ಲಿಂಕ್, 2017ರಲ್ಲಿ ಬಂದದ್ದು. ಮಟ್ಟವೂ ಇಲ್ಲ, ರಕ್ಷಣಾಬಲವೂ ಇಲ್ಲ, ಅಂಚಿನಲ್ಲಿ ಬಾಣಗಳುಂಟು. ಎಷ್ಟು ಬಾಣವೋ ಅಷ್ಟು ಬೆಲೆ. ಅಂಕಣದಲ್ಲಿರುವವರನ್ನು ಎಣಿಸಿ ಆ ಬೆಲೆಯನ್ನು ತೆರಬೇಕು. ಹೆಚ್ಚುವರಿ ಕಟ್ಟಿನಿಂದ ಬರುವ ಲಿಂಕ್ ದೈತ್ಯನು ಅದಕ್ಕೆಂದೇ ನಡುವೆ ಇರುವ ಸ್ಥಾನದಲ್ಲಿಯೋ, ಇನ್ನೊಂದು ಲಿಂಕಿನ ಬಾಣವು ತೋರುವ ಸ್ಥಾನದಲ್ಲಿಯೋ ನಿಲ್ಲಬೇಕು. ಫ್ಯೂಷನ್, ಸಿಂಕ್ರೋ, ಎಕ್ಸೀಜುಗಳಿಗೂ ಇದ್ದ ಇದೇ ಕಟ್ಟನ್ನು 2020ರಲ್ಲಿ ಸಡಿಲಿಸಿದರು.

ಇಷ್ಟನ್ನು ನೆನಪಿಡಲು ಮೂರು ಪ್ರಶ್ನೆಗಳು ಸಾಕೆಂದು ಕಂಡುಕೊಂಡೆನು. ಬರುವವನು ಎಲ್ಲಿಂದ ಬರುತ್ತಾನೆ? ಅವನಿಗಾಗಿ ಏನನ್ನು ಕೊಡಬೇಕು? ಬಂದವನು ಎಲ್ಲಿ ನಿಲ್ಲಬೇಕು? ಒಂದಕ್ಕೆ ಉತ್ತರ ಸಿಗದಿದ್ದರೂ ಆವಾಹನೆಯು ಸಿದ್ಧಿಸದು.

ಈ ಮೂರು ಪ್ರಶ್ನೆಗಳನ್ನು ಹಿಡಿದು ಆಡಿ ಮುಗಿದ ಆಟಗಳನ್ನು ಮನಸ್ಸಿನಲ್ಲಿ ತಿರುವಿಹಾಕಿದಾಗ ಒಂದು ವಿಚಿತ್ರವು ಹೊಳೆಯಿತು. ಜಗಳದ ಹಿಂದಿನ ದಿನ ಅವನು ಅಂಕಣದಲ್ಲಿದ್ದ ಜಂಕ್ ಸಿಂಕ್ರಾನನ್ನೂ ಆರನೆಯ ಮಟ್ಟದ ಇನ್ನೊಬ್ಬನನ್ನೂ ತೆಗೆದು, ಸ್ಟಾರ್‌ಡಸ್ಟ್ ಡ್ರ್ಯಾಗನ್ ಎಂಬ ಎಂಟನೆಯ ಮಟ್ಟದ ಘಟಸರ್ಪವನ್ನು ಇಳಿಸಿದ್ದನು. ಇಬ್ಬರನ್ನು ಕೊಟ್ಟು ದೊಡ್ಡವನೊಬ್ಬನನ್ನು ತಂದನಲ್ಲ, ಇದು ನ್ಯಾಯವೇ ಎಂದು ನಾನು ತಲೆದೂಗಿ ಶಾಬಾಸ್ ಎಂದಿದ್ದೆನು. ಆದರೆ ಅದು ಕೈಯಿಂದ ಬಂದುದಲ್ಲ, ಹೆಚ್ಚುವರಿ ಕಟ್ಟಿನಿಂದ ಬಂದುದು, ಸಿಂಕ್ರೋ. ಮೂರು ಮತ್ತು ಆರು ಸೇರಿದರೆ ಒಂಬತ್ತು. ಎಂಟಕ್ಕೆ ಒಂಬತ್ತು ಸಲ್ಲದು. ರಿಚುವಲಿನಲ್ಲಿ ಹೆಚ್ಚಾದರೂ ನಡೆಯುತ್ತದೆಂಬುದನ್ನು ಹುಡುಗನು ಇಲ್ಲಿಗೂ ಎಳೆದುಕೊಂಡಿದ್ದನು.

ನೋಡಿದಿರಾ! ಅವನು ತಪ್ಪಿದ ದಿನ ಹೊಗಳಿದೆನು. ಸರಿಯಾಗಿ ಆಡಿದ ದಿನ ಮೋಸಗಾರನೆಂದೆನು. ನಿಯಮವನ್ನರಿಯದ ತೀರ್ಪುಗಾರನಿಂದ ಶಿಕ್ಷೆ ಮಾತ್ರವಲ್ಲ, ಮೆಚ್ಚುಗೆಯೂ ದಾರಿ ತಪ್ಪುತ್ತದೆ. ಗಡಿಯಲ್ಲಿ ಬದುಕುವ ನಮಗೆ, ನಮ್ಮ ಮಾತನ್ನಾಗಲಿ ಮನೆವಾರ್ತೆಯನ್ನಾಗಲಿ ತಿಳಿಯದೆ ಈ ಕಡೆಯಿಂದಲೂ ಆ ಕಡೆಯಿಂದಲೂ ತೀರ್ಪು ಕೊಡುವವರ ಅನುಭವವು ಕಡಮೆಯೇನಲ್ಲ. ಅದರ ನೋವನ್ನು ಬಲ್ಲ ನಾನೇ ಒಂದು ಮಗುವಿಗೆ ಅದನ್ನು ಬಡಿಸಿದ್ದೆನು.

ಮರುದಿನ ಬೆಳಗ್ಗೆ ನೆರೆಮನೆಯ ಮಕ್ಕಳನ್ನೂ ಕರೆಸಿದೆನು. ಅವರ ಮುಂದೆ ಆಡಿದ ಮಾತನ್ನು ಅವರ ಮುಂದೆಯೇ ಹಿಂದಕ್ಕೆ ತೆಗೆದುಕೊಳ್ಳಬೇಕಲ್ಲ. "ಜಂಕ್ ವಾರಿಯರ್ ಬಂದುದು ಸರಿ. ನಾನೇ ತಪ್ಪಿದೆನು, ಮಗು" ಎಂದೆನು. ಹುಡುಗನು ನೆಲವನ್ನೇ ನೋಡುತ್ತಿದ್ದನು. "ಆದರೆ ಅದರ ಹಿಂದಿನ ದಿನದ ಸ್ಟಾರ್‌ಡಸ್ಟ್..." ಎಂದು ಆರಂಭಿಸುವಷ್ಟರಲ್ಲಿ ತಲೆಯೆತ್ತಿದನು. ಬೆರಳು ಮಡಚಿ ಎಣಿಸಿದನು. ಒಂಬತ್ತಕ್ಕೆ ಬಂದು ನಿಂತನು. "ಅಯ್ಯೋ ಅಜ್ಜಾ!" ಎಂದು ನಕ್ಕನು. ಮಧ್ಯಾಹ್ನದ ಊಟಕ್ಕೆ ಪಕ್ಕದಲ್ಲಿ ಬಂದು ಕುಳಿತನು.

ಉಳಿದ ದಿನಗಳಲ್ಲಿ ಪ್ರತಿದಿನವೂ ಆಡಿದೆವು. ಹೆಚ್ಚಾಗಿ ನಾನೇ ಸೋತೆನು. ನನ್ನ ನೆನಪಿಗೆಂದು ಈ ನಿಯಮಗಳನ್ನೆಲ್ಲ ಕನ್ನಡದಲ್ಲಿ ಒಂದು ಹಾಳೆಯ ಮೇಲೆ ದಪ್ಪಕ್ಷರದಲ್ಲಿ ಬರೆದುಕೊಂಡಿದ್ದೆನು. ಮೊಮ್ಮಗನಿಗೆ ಕನ್ನಡ ಮಾತು ಬರುತ್ತದೆ, ಓದು ಅಷ್ಟಕ್ಕಷ್ಟೆ. ಸಂಶಯ ಬಂದಾಗಲೆಲ್ಲ ಆ ಹಾಳೆಯನ್ನು ತೆಗೆದು, ಒತ್ತಕ್ಷರಗಳಲ್ಲಿ ಎಡವುತ್ತ, ಗಟ್ಟಿಯಾಗಿ ಓದುತ್ತಿದ್ದನು. ಹೊರಡುವ ದಿನ ಅದನ್ನು ಕೇಳಿ ಪಡೆದು ಚೀಲಕ್ಕೆ ಹಾಕಿಕೊಂಡನು. ಎರಡು ಕಟ್ಟುಗಳಲ್ಲಿ ಒಂದನ್ನು ನನಗೆ ಬಿಟ್ಟುಹೋಗಿದ್ದಾನೆ, ಮುಂದಿನ ರಜೆಗೆ ಮೊದಲು ಲಿಂಕ್ ಆವಾಹನೆಯನ್ನು ಚೆನ್ನಾಗಿ ರೂಢಿಸಿಕೊಳ್ಳಬೇಕೆಂಬ ಅಪ್ಪಣೆಯೊಡನೆ.

ನಿಮ್ಮ ಮನೆಯ ಮಕ್ಕಳು ಇಂಥ ಎಲೆಗಳನ್ನು ಹರಡಿ ಕುಳಿತರೆ ಬೈಯುವುದಕ್ಕೂ ಹೊಗಳುವುದಕ್ಕೂ ಮುನ್ನ ಒಂದು ಸಂಜೆ ಪಕ್ಕದಲ್ಲಿ ಕುಳಿತು ಕೇಳಿರಿ. ಬಿಳಿಯ ಎಲೆ ಬಂದಾಗ ಮಾತ್ರ ಮೊತ್ತವನ್ನು ಕೂಡಿಸಿ ನೋಡುವುದನ್ನು ಮರೆಯಬೇಡಿರಿ.