ಈಜಿಪ್ಟಿನ ಮಾನ ಕಳೆದವರು ಯಾರು?

ಸೋರುವ ಸೂರನ್ನು ಸಿನಿಮಾದಲ್ಲಿ ತೋರಿಸಿದರೆ ದೇಶದ ಮಾನ ಹೋಗುತ್ತದೆಯೇ? ಹೋಗುತ್ತದೆ ಎನ್ನುವವರು ಎಲ್ಲ ದೇಶಗಳಲ್ಲೂ ಇದ್ದಾರೆ. ಈಜಿಪ್ಟಿನಲ್ಲಿ ಇಂಥವರ ಬಾಯಲ್ಲಿ ಸದಾ ಸಿದ್ಧವಾಗಿರುವ ಮಾತೊಂದಿದೆ: ‘ಸುಮ್‌ಅತ್ ಮಿಸ್ರ್’. ಅಂದರೆ ಮಿಸ್ರಿನ ಮರ್ಯಾದೆ. ಕ್ಯಾಮರಾ ಹೊತ್ತು ಕೈರೋದ ಗಲ್ಲಿಗಳಿಗೆ ಇಳಿದವರು ಈ ಮರ್ಯಾದೆಯನ್ನು ಹರಾಜಿಗಿಟ್ಟರೆಂಬ ಆರೋಪ ಅಲ್ಲಿ ಮತ್ತೆ ಮತ್ತೆ ಕೇಳಿಬಂದಿದೆ. ಯೂಸುಫ್ ಶಾಹೀನರಂಥ ಜಗತ್ಪ್ರಸಿದ್ಧ ನಿರ್ದೇಶಕರೂ ಇದರಿಂದ ತಪ್ಪಿಸಿಕೊಳ್ಳಲಿಲ್ಲ. ಆದರೆ ಶಾಹೀನರ ಬೆನ್ನಿಗೆ ಕಾನ್ ಚಿತ್ರೋತ್ಸವವಿತ್ತು, ಪ್ಯಾರಿಸ್ಸಿನ ಗೆಳೆಯರಿದ್ದರು. ಆತಿಫ್ ಅಲ್ ತಯ್ಯಿಬ್ ಅವರ ಬೆನ್ನಿಗಿದ್ದವರು ಟಿಕೆಟು ಕೊಂಡು ಒಳಬರುತ್ತಿದ್ದ ಸಾಮಾನ್ಯ ಜನ ಮಾತ್ರ. ಅದಕ್ಕೇ ಈ ಪ್ರಶ್ನೆಯನ್ನು ಅವರ ಬದುಕನ್ನು ಎದುರಿಗಿಟ್ಟುಕೊಂಡು ಕೇಳುವುದು ನ್ಯಾಯ.

ತಯ್ಯಿಬ್ ಹುಟ್ಟಿದ್ದು 1947ರ ಡಿಸೆಂಬರಿನಲ್ಲಿ. ದಕ್ಷಿಣ ಈಜಿಪ್ಟಿನ ಸೊಹಾಗ್ ಸೀಮೆಯ ಕುಟುಂಬ. 1970ರಲ್ಲಿ ಕೈರೋದ ಸಿನಿಮಾ ಸಂಸ್ಥೆಯಲ್ಲಿ ಓದು ಮುಗಿಸಿದವರು ನೇರ ಸ್ಟುಡಿಯೋಗೆ ಹೋಗಲಿಲ್ಲ, ಕಡ್ಡಾಯ ಸೇವೆಗೆಂದು ಸೈನ್ಯಕ್ಕೆ ಹೋದರು. 1973ರ ಅಕ್ಟೋಬರ್ ಯುದ್ಧದ ಕಾಲದಲ್ಲಿ ಅವರ ಮೈಮೇಲೆ ಸಮವಸ್ತ್ರವಿತ್ತು. ದೇಶಪ್ರೇಮದ ಪಾಠವನ್ನು ಅವರಿಗೆ ಮಂತ್ರಿಗಳ ಕಚೇರಿಯಿಂದ ಯಾರೂ ಕಳಿಸಿಕೊಡಬೇಕಾಗಿರಲಿಲ್ಲ ಎಂಬುದನ್ನು ನೆನಪಿಡಿ.

ಆ ಯುದ್ಧದ ಮರುವರ್ಷವೇ ಅಧ್ಯಕ್ಷ ಸಾದಾತ್ ‘ಇನ್‌ಫಿತಾಹ್’ ಘೋಷಿಸಿದರು. ತೆರೆದ ಬಾಗಿಲಿನ ಆರ್ಥಿಕತೆ. ಬಾಗಿಲೇನೋ ತೆರೆಯಿತು, ಒಳಗೆ ಬಂದದ್ದು ವಿದೇಶಿ ಸರಕು, ದಲ್ಲಾಳಿ, ಕಮಿಷನ್ನು. ಸೂಯೆಜ್ ಕಾಲುವೆ ದಾಟಿ ಹೋರಾಡಿದ ಹುಡುಗರು ಊರಿಗೆ ಮರಳಿ ಬಸ್ಸು ಓಡಿಸಿದರು, ಗುಮಾಸ್ತಿಕೆ ಮಾಡಿದರು. ಕಾಲುವೆಯ ಹತ್ತಿರಕ್ಕೂ ಹೋಗದವರು ಅಂಗಡಿ, ಮಹಡಿ ಮನೆ ಕಟ್ಟಿದರು. 1982ರಲ್ಲಿ ಬಂದ ತಯ್ಯಿಬ್ ಅವರ ಎರಡನೆಯ ಚಿತ್ರ ‘ಸವ್ವಾಕ್ ಅಲ್ ಉತುಬೀಸ್’, ಅಂದರೆ ಬಸ್ ಡ್ರೈವರ್, ಈ ಅನ್ಯಾಯದ ಲೆಕ್ಕವನ್ನೇ ಮುಂದಿಡುತ್ತದೆ.

ಕಥೆ ಸರಳ. ಮಾಜಿ ಯೋಧ ಹಸನ್ ಕೈರೋದಲ್ಲಿ ಬಸ್ ಚಾಲಕ. ತಂದೆಯ ಮರಗೆಲಸದ ಕಾರ್ಖಾನೆಯನ್ನು ನೋಡಿಕೊಳ್ಳುತ್ತಿದ್ದ ಭಾವ ತೆರಿಗೆ ಕಟ್ಟದೆ ಬಾಕಿ ಉಳಿಸಿದ್ದಾನೆ, ಕಾರ್ಖಾನೆ ಹರಾಜಿಗೆ ಬಂದಿದೆ. ಹಸನ್ ಅಕ್ಕತಂಗಿಯರ ಮನೆಬಾಗಿಲಿಗೆ ಒಂದೊಂದಾಗಿ ಹೋಗುತ್ತಾನೆ. ಭಾವಂದಿರು ಚೆನ್ನಾಗಿ ಸಂಪಾದಿಸಿದ್ದಾರೆ, ಆದರೆ ಕೈ ಬಿಚ್ಚುವವರಿಲ್ಲ. ಕೊನೆಗೆ ತಂದೆ ತೀರಿಕೊಳ್ಳುತ್ತಾರೆ. ಚಿತ್ರದ ಆರಂಭದಲ್ಲಿ ಬಸ್ಸಿನಲ್ಲೊಬ್ಬ ಜೇಬುಗಳ್ಳ ತಪ್ಪಿಸಿಕೊಂಡಾಗ ಹಸನ್ ತಲೆಕೆಡಿಸಿಕೊಂಡಿರುವುದಿಲ್ಲ. ಕೊನೆಯಲ್ಲಿ ಇನ್ನೊಬ್ಬ ಜೇಬುಗಳ್ಳನನ್ನು ಬಸ್ಸು ನಿಲ್ಲಿಸಿ ಬೆನ್ನಟ್ಟಿ ಹಿಡಿದು ಬಡಿಯುತ್ತಾನೆ, ಬೈಯುತ್ತಾನೆ. ಆ ಬೈಗುಳ ಒಬ್ಬ ಜೇಬುಗಳ್ಳನಿಗೆ ಮಾತ್ರ ಹೇಳಿದ್ದಲ್ಲವೆಂದು ಕೈರೋದ ಪ್ರೇಕ್ಷಕರಿಗೆ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ. ಹಸನ್ ಪಾತ್ರ ಮಾಡಿದ ನೂರ್ ಅಲ್ ಶರೀಫ್ ಅವರಿಗೆ 1983ರಲ್ಲಿ ನಮ್ಮ ದೆಹಲಿಯ ಅಂತರರಾಷ್ಟ್ರೀಯ ಚಿತ್ರೋತ್ಸವ ಶ್ರೇಷ್ಠ ನಟ ಪ್ರಶಸ್ತಿ ಕೊಟ್ಟಿತು. ಈಜಿಪ್ಟಿನ ಮರ್ಯಾದೆ ದೆಹಲಿಯಲ್ಲಿ ಹೆಚ್ಚಿತೋ ಕಡಿಮೆಯಾಯಿತೋ ನೀವೇ ಹೇಳಿ.

ಈಜಿಪ್ಟ್ ಎಂದರೆ ನಮ್ಮ ಕಣ್ಣಮುಂದೆ ಬರುವುದು ಪಿರಮಿಡ್ಡು. 1986ರಲ್ಲಿ ತಯ್ಯಿಬ್ ಆ ಪಿರಮಿಡ್ಡಿನ ಬುಡಕ್ಕೇ ಕ್ಯಾಮರಾ ಒಯ್ದರು. ನಜೀಬ್ ಮಹಫೂಝರ ಕಥೆಯೊಂದನ್ನು ಆಧರಿಸಿದ ಆ ಚಿತ್ರದಲ್ಲಿ ಸರಕಾರಿ ನೌಕರರಾದ ಯುವಕ ಯುವತಿ ನಿಕಾಹ್ ಮಾಡಿಕೊಂಡಿದ್ದಾರೆ, ಆದರೆ ಒಟ್ಟಿಗೆ ಬಾಳಲು ಒಂದು ಕೋಣೆಯಿಲ್ಲ. ಗಂಡಹೆಂಡತಿ ಏಕಾಂತ ಹುಡುಕಿಕೊಂಡು ಪಿರಮಿಡ್ಡಿನ ಹತ್ತಿರ ಹೋದರೆ ಪೊಲೀಸರು ಅಸಭ್ಯ ವರ್ತನೆಯೆಂದು ಹಿಡಿದೊಯ್ಯುತ್ತಾರೆ. ಅದೇ ವರ್ಷದ ‘ಮಲಫ್ ಫಿಲ್ ಆದಾಬ್’ನಲ್ಲಿ ಆಫೀಸಿನಲ್ಲಿ ದುಡಿಯುವ ಹೆಣ್ಣುಮಕ್ಕಳು ಒಂದು ಊಟಕ್ಕೆ ಸೇರಿದ್ದನ್ನೇ ಪೊಲೀಸ್ ಅಧಿಕಾರಿಯೊಬ್ಬ ವೇಶ್ಯಾವಾಟಿಕೆಯ ಕೇಸು ಮಾಡುತ್ತಾನೆ. ಕೋರ್ಟು ಬಿಟ್ಟುಬಿಡುತ್ತದೆ, ಹತ್ತಿದ ಮಸಿ ಬಿಡುವುದಿಲ್ಲ. ಮಾನದ ಬಗ್ಗೆ ಭಾಷಣ ಬಿಗಿಯುವವರು ಈ ಎರಡು ಚಿತ್ರಗಳನ್ನು ನೋಡಬೇಕು. ಮಾನ ಕಳೆದುಕೊಂಡವರು ಯಾರು, ಕಳೆದವರು ಯಾರು ಎಂಬುದು ಅಲ್ಲಿ ನಿಚ್ಚಳವಾಗಿದೆ.

ಇನ್ನು ಅವರ ಅತ್ಯಂತ ದೊಡ್ಡ ಚಿತ್ರಕ್ಕೆ ಬರುತ್ತೇನೆ. ಹೆಸರು ‘ಅಲ್ ಬರೀ’. ಉರ್ದು ಶಾಲೆಯಲ್ಲಿ ಕಲಿತ ನನ್ನಂಥವರಿಗೆ ‘ಬರೀ’ ಎಂದರೆ ಕೋರ್ಟಿನ ಮಾತು. ಆರೋಪಿ ಬರೀ ಆದ, ಅಂದರೆ ಖುಲಾಸೆಯಾದ. ಅರಬಿಯಲ್ಲಿ ಮುಗ್ಧ ಎಂಬ ಅರ್ಥವೂ ಇದೆ. ಮುಗ್ಧನಾದವನು ಖುಲಾಸೆಗೆ ಅರ್ಹನೇ? ವಹೀದ್ ಹಾಮಿದ್ ಚಿತ್ರಕಥೆ ಬರೆದ, 1986ರಲ್ಲೇ ಬಿಡುಗಡೆಯಾದ ಈ ಚಿತ್ರ ಕೇಳುವುದು ಅದನ್ನೇ.

ಓದುಬರಹ ಬಾರದ ಹಳ್ಳಿ ಹುಡುಗ ಅಹ್ಮದ್‌ನನ್ನು ಕಡ್ಡಾಯ ಸೇವೆಗೆಂದು ಕೇಂದ್ರ ಭದ್ರತಾ ಪಡೆಗೆ ಸೇರಿಸಿಕೊಂಡು, ಮರುಭೂಮಿಯ ಬಂದೀಖಾನೆಯೊಂದರ ಕಾವಲಿಗೆ ಹಾಕುತ್ತಾರೆ. ಒಳಗಿರುವವರು ಲೇಖಕರು, ವಿದ್ಯಾರ್ಥಿಗಳು. ಅವನಿಗೆ ಹೇಳಿಕೊಟ್ಟದ್ದು ಒಂದೇ ಮಾತು: ಇವರು ದೇಶದ ಶತ್ರುಗಳು. ಅವನು ನಂಬುತ್ತಾನೆ. ಓಡಿಹೋಗುತ್ತಿದ್ದ ಕೈದಿಯೊಬ್ಬನನ್ನು ತನ್ನ ಕೈಯಾರೆ ಕೊಲ್ಲುತ್ತಾನೆ, ಶಹಭಾಸ್‌ಗಿರಿ ಪಡೆಯುತ್ತಾನೆ. ಆಮೇಲೊಂದು ದಿನ ಹೊಸ ಕೈದಿಗಳನ್ನು ಇಳಿಸಿದಾಗ, ಹೊಡೆಯಲು ನಿಂತ ಅಹ್ಮದನಿಗೆ ಎದುರಾಗುವವನು ಅವನದೇ ಊರಿನ ಗೆಳೆಯ, ವಿಶ್ವವಿದ್ಯಾಲಯದಲ್ಲಿ ಓದುತ್ತಿರುವ ಹುಸೇನ್. ಹುಸೇನ್ ದೇಶದ ಶತ್ರುವಾಗಿರಲು ಸಾಧ್ಯವೇ ಇಲ್ಲವೆಂದು ಅಹ್ಮದ್ ಕಿರುಚುತ್ತಾನೆ. ಅವನಿಗೂ ಸೆರೆಯಾಗುತ್ತದೆ. ಹುಸೇನ್ ಅವನ ಕಣ್ಣೆದುರೇ ಸಾಯುತ್ತಾನೆ. ಇಷ್ಟನ್ನೆಲ್ಲ ನಡೆಸುವ ಅಧಿಕಾರಿ ಮನೆಯಲ್ಲಿ ಮಗಳನ್ನು ಮುದ್ದಿಸುವ ಮೃದುವಾದ ಅಪ್ಪ.

ತಯ್ಯಿಬ್ ಮಾಡಿದ ಕೊನೆಯಲ್ಲಿ, ಕಾವಲು ಗೋಪುರದಲ್ಲಿ ಕೊಳಲು ಹಿಡಿದು ಕೂತ ಅಹ್ಮದ್ ಇನ್ನೊಂದು ಲಾರಿ ತುಂಬ ಕೈದಿಗಳು ಬರುವುದನ್ನು ಕಂಡು ಬಂದೂಕು ಎತ್ತಿಕೊಳ್ಳುತ್ತಾನೆ, ತನ್ನ ಮೇಲಧಿಕಾರಿಗಳ ಮೇಲೆಯೇ ಗುಂಡು ಹಾರಿಸುತ್ತಾನೆ. ಅವನನ್ನು ಕೊಲ್ಲುವವನೂ ಅವನಂಥದೇ ಒಬ್ಬ ಸಿಪಾಯಿ. ಈ ದೃಶ್ಯವನ್ನು ಜನ ನೋಡಲಿಲ್ಲ. ರಕ್ಷಣೆ, ಗೃಹ, ಸಂಸ್ಕೃತಿ ಖಾತೆಗಳ ಮೂವರು ಮಂತ್ರಿಗಳು ಕೂತು ಚಿತ್ರ ನೋಡಿದರು, ಕತ್ತರಿ ಬಿತ್ತು. ಗುಂಡು ಹಾರುವ ಮೊದಲೇ ಚಿತ್ರ ಮುಗಿಯಿತು.

ಇಂಥ ದೃಶ್ಯ ಸೈನಿಕರನ್ನು ಕೆರಳಿಸುತ್ತದೆ ಎಂಬುದು ಕತ್ತರಿಯ ಪರ ವಾದ. ಮೇಲ್ನೋಟಕ್ಕೆ ಜವಾಬ್ದಾರಿಯ ಮಾತಿನಂತೆ ಕಾಣುತ್ತದೆ. ಆದರೆ 1986ರ ಫೆಬ್ರವರಿಯಲ್ಲಿ, ಈ ಚಿತ್ರ ಚಿತ್ರಮಂದಿರಕ್ಕೆ ಬರುವ ಮೊದಲೇ, ಕೇಂದ್ರ ಭದ್ರತಾ ಪಡೆಯ ಸಾವಿರಾರು ಹುಡುಗರು ಬೀದಿಗೆ ಬಂದು ದಂಗೆಯೆದ್ದಿದ್ದರು. ಮೂರು ವರ್ಷದ ಸೇವೆಯನ್ನು ನಾಲ್ಕಕ್ಕೆ ಏರಿಸುತ್ತಾರೆಂಬ ವದಂತಿ ಅವರನ್ನು ಕೆರಳಿಸಿತ್ತು. ಪಿರಮಿಡ್ಡಿನ ಹತ್ತಿರದ ಪ್ರವಾಸಿ ಹೋಟೆಲುಗಳಿಗೆ ಬೆಂಕಿ ಬಿತ್ತು. ಕರ್ಫ್ಯೂ ಹಾಕಿ, ಸೈನ್ಯ ಕರೆಸಿ ಅಡಗಿಸಬೇಕಾಯಿತು. ಅವರನ್ನು ಕೆರಳಿಸಲು ಸಿನಿಮಾ ಬೇಕಾಗಿರಲಿಲ್ಲ. ಚಿಲ್ಲರೆ ಸಂಬಳ, ಹೊಲಸು ಬ್ಯಾರಕ್ಕು, ದಿನನಿತ್ಯದ ಅವಮಾನ ಸಾಕಾಗಿದ್ದವು. ತಯ್ಯಿಬ್ ಅದನ್ನು ಮೊದಲೇ ಕಂಡಿದ್ದರು. ಜ್ವರ ಇದೆ ಎಂದ ವೈದ್ಯನ ಬಾಯಿ ಮುಚ್ಚಿಸಿದರೆ ಜ್ವರ ಇಳಿಯುತ್ತದೆಯೇ?

1992ರಲ್ಲಿ ಮತ್ತೆ ಅದೇ ಕಥೆ. 1987ರಲ್ಲಿ ಲಂಡನ್ನಿನ ಬೀದಿಯಲ್ಲಿ ಗುಂಡೇಟು ತಿಂದು ಸತ್ತ ಫೆಲೆಸ್ತೀನಿನ ವ್ಯಂಗ್ಯಚಿತ್ರಕಾರ ನಾಜಿ ಅಲ್ ಅಲಿ ಅವರ ಬದುಕನ್ನು ತಯ್ಯಿಬ್ ಚಿತ್ರ ಮಾಡಿದರು, ಮುಖ್ಯ ಪಾತ್ರದಲ್ಲಿ ಮತ್ತೆ ನೂರ್ ಅಲ್ ಶರೀಫ್. ಇಸ್ರೇಲಿನೊಂದಿಗೆ ಈಜಿಪ್ಟ್ ಮಾಡಿಕೊಂಡ ಒಪ್ಪಂದವನ್ನು ನಾಜಿ ತಮ್ಮ ಗೆರೆಗಳಲ್ಲಿ ಟೀಕಿಸಿದ್ದರು. ಅಷ್ಟು ಸಾಕಾಯಿತು. ಈಜಿಪ್ಟನ್ನು ಬೈದವನ ಮೇಲೆ ಈಜಿಪ್ಟಿನವರೇ ಚಿತ್ರ ಮಾಡುವುದೇ ಎಂದು ಪತ್ರಿಕೆಗಳು ಮುಗಿಬಿದ್ದವು. ಅಕ್ಟೋಬರ್ ಯುದ್ಧದ ಕಾಲದ ಸಿಪಾಯಿಗೆ ದೇಶದ್ರೋಹದ ಸರ್ಟಿಫಿಕೇಟು! ಆಳುವವರನ್ನು ಟೀಕಿಸುವುದೂ ದೇಶವನ್ನು ಬೈಯುವುದೂ ಒಂದೇ ಎಂದು ನಂಬಿಸುವುದರಲ್ಲಿ ಯಾರಿಗೆ ಲಾಭ ಎಂದು ಆ ಪತ್ರಿಕೆಗಳು ಕೇಳಿಕೊಳ್ಳಲಿಲ್ಲ.

ತಯ್ಯಿಬ್ ಮಾಡಿದ್ದೆಲ್ಲ ಚಿನ್ನ ಎಂದು ನಾನು ಹೇಳುವುದಿಲ್ಲ. 13 ವರ್ಷಗಳಲ್ಲಿ ಸುಮಾರು 20 ಚಿತ್ರ ಮಾಡಿದವರಲ್ಲಿ ಅವಸರ ಕಾಣದೆ ಇರುವುದಿಲ್ಲ. ಕೆಲವು ಕಡೆ ಕಣ್ಣೀರು ಹೆಚ್ಚಾಯಿತು, ಮಾತು ಉದ್ದವಾಯಿತು. ಆದರೆ ಅವರು ಬಡವರನ್ನು ಉತ್ಸವಗಳ ಪರದೆಗೆಂದು ಸುಂದರವಾಗಿ ಜೋಡಿಸಿಡಲಿಲ್ಲ. ಬಡವರೇ ನೋಡುವ ಚಿತ್ರಮಂದಿರಕ್ಕೆಂದು, ಅವರೇ ಮೆಚ್ಚಿದ ನಟರನ್ನು ಇಟ್ಟುಕೊಂಡು ಚಿತ್ರ ಮಾಡಿದರು. ಅಧಿಕಾರಕ್ಕೆ ಭಯವಾದದ್ದು ಇದೇ ಕಾರಣಕ್ಕೆ. 1995ರ ಜೂನ್ 23ರಂದು, ಹೃದಯದ ಶಸ್ತ್ರಚಿಕಿತ್ಸೆಯ ನಂತರ ಅವರು ತೀರಿಕೊಂಡಾಗ ವಯಸ್ಸು 47.

2005ರಲ್ಲಿ ಅಹ್ಮದನ ಪಾತ್ರ ಮಾಡಿದ್ದ ಅಹ್ಮದ್ ಝಕಿ ತೀರಿಕೊಂಡರು. ಅವರ ಗೌರವಾರ್ಥ ಅದೇ ಸರಕಾರದ ಸಂಸ್ಕೃತಿ ಇಲಾಖೆ ‘ಅಲ್ ಬರೀ’ಯನ್ನು ಕತ್ತರಿಯಿಲ್ಲದೆ ತೋರಿಸಿತು. 19 ವರ್ಷ ಬಚ್ಚಿಟ್ಟ ದೃಶ್ಯ ಹೊರಬಂದಿತು. ಆಕಾಶ ಕಳಚಿ ಬೀಳಲಿಲ್ಲ. ಹಾಗಾದರೆ ಅಷ್ಟು ವರ್ಷ ಕಾಪಾಡಿದ್ದು ಯಾರ ಮಾನವನ್ನು?

2011ರ ಜನವರಿ 25ರಂದು ಜನ ತಹ್ರೀರ್ ಚೌಕಕ್ಕೆ ನುಗ್ಗಿದಾಗ ಅವರಿಗೆ ಅಡ್ಡವಾಗಿ ಸಾಲುಗಟ್ಟಿ ನಿಂತದ್ದು ಅದೇ ಕೇಂದ್ರ ಭದ್ರತಾ ಪಡೆಯ ಹಳ್ಳಿ ಹುಡುಗರು. ಎದುರಿಗಿದ್ದವರು ದೇಶದ ಶತ್ರುಗಳೆಂದು ಅವರಿಗೂ ಯಾರೋ ಹೇಳಿಕೊಟ್ಟಿರಬೇಕು. ಕೊಂದವನು ಮುಗ್ಧನೇ ಆಗಿರಬಹುದು. ಆದರೆ ಆ ಮುಗ್ಧತೆಯನ್ನು ತಯಾರಿಸಿ, ಸಮವಸ್ತ್ರ ತೊಡಿಸಿ, ಕೈಗೆ ಬಂದೂಕು ಕೊಟ್ಟವರು ಬರೀ ಆಗುವುದಿಲ್ಲ. ಆತಿಫ್ ಅಲ್ ತಯ್ಯಿಬ್ ತಮ್ಮ ಚಿತ್ರದಲ್ಲಿ ಆ ತೀರ್ಪು ಬರೆದಿಟ್ಟು ಹೋಗಿದ್ದಾರೆ.